ನುಣುಪಣ್ಣನ ಕತ್ತು

ಊರಿನವರ ಗಲ್ಲಗಳನ್ನೆಲ್ಲ ಬೆಣ್ಣೆಯಂತೆ ಮಾಡಿ ಕಳುಹಿಸುತ್ತಿದ್ದ ಕ್ಷೌರಿಕನಿಗೆ ನುಣುಪಣ್ಣ ಎಂಬ ಹೆಸರು ಬಿದ್ದು ಎಷ್ಟು ಕಾಲವಾಗಿತ್ತೆಂದರೆ, ಹೆತ್ತವರಿಟ್ಟ ಹೆಸರು ಹಿಡಿದು ಯಾರಾದರೂ ಕೂಗಿದರೆ, ಬೇರೆ ಯಾರನ್ನೋ ಕರೆಯುತ್ತಿದ್ದಾರೆಂದು ಅವನೂ ಹಿಂದೆ ತಿರುಗಿ ನೋಡುತ್ತಿದ್ದ. ಈಚೆಗೆ ಹಾಗೆ ತಿರುಗುವುದೇ ಕಷ್ಟವಾಗಿತ್ತು. ಹೆಸರಿಗೆ ನುಣುಪಣ್ಣ, ಹಿಂಗತ್ತು ಮಾತ್ರ ಜಲ್ಲಿ ಸುರಿದು ಡಾಂಬರು ಮರೆತ ರಸ್ತೆ. ಅಲ್ಲಿನ ಗುಂಗುರು ಕೂದಲು ನೆಟ್ಟಗೆ ಹೊರಗೆ ಬೆಳೆಯುವುದು ಬಿಟ್ಟು, ಬಾಗಿ ಚರ್ಮದೊಳಕ್ಕೇ ನುಗ್ಗುತ್ತಿತ್ತು. ನುಗ್ಗಿದಲ್ಲೆಲ್ಲ ಕೆಂಪು ಗುಳ್ಳೆ. ಅಂಗಿಯ ಕಾಲರು ಸೋಕಿದರೂ ಸಾಕು, ಅವನ ಮುಖ ಹುಣಸೆಹಣ್ಣು ಕಚ್ಚಿದಂತಾಗುತ್ತಿತ್ತು.

ನೋವನ್ನಾದರೆ ನುಂಗಿಕೊಳ್ಳಬಹುದು. ಆದರೆ ಅಂಗಡಿಯಲ್ಲಿ ಮುಂದೆಯೂ ಕನ್ನಡಿ, ಹಿಂದೆಯೂ ಕನ್ನಡಿ. ಕುರ್ಚಿಯಲ್ಲಿ ಕೂತವರಿಗೆ ತಮ್ಮ ಮುಖದ ಜೊತೆಗೆ ನುಣುಪಣ್ಣನ ಹಿಂಗತ್ತಿನ ದರ್ಶನವೂ ಪುಕ್ಕಟೆ. ಒಂದು ದಿನ ಬಸ್ ಡ್ರೈವರ್ ಗಲ್ಲದ ತುಂಬ ನೊರೆ ಹಚ್ಚಿಸಿಕೊಂಡು ಕೂತಿದ್ದವನು ಕನ್ನಡಿಯಲ್ಲಿ ಕಣ್ಣರಳಿಸಿ, "ಅಣ್ಣಾ, ಕತ್ತಿ ಹಿಡಿಯೋ ನಿನ್ ಕತ್ತೇ ಹೀಗಿದ್ರೆ ನನ್ ಕತ್ತಿನ ಗತಿ ಏನಪ್ಪಾ?" ಎಂದ. ತಮಾಷೆಗೆ ಅಂದದ್ದೇ. ಆದರೆ ಮುಂದಿನ ವಾರ ಅವನು ರಸ್ತೆಯಾಚೆಯ ಹೊಸ ಸಲೂನಿನಿಂದ ಮುಖ ಒರೆಸಿಕೊಳ್ಳುತ್ತ ಹೊರಬಂದ. ಅವನ ಹಿಂದೆಯೇ ಕಂಡಕ್ಟರ್. ಇಬ್ಬರೂ ನುಣುಪಣ್ಣನನ್ನು ನೋಡದವರಂತೆ ಆಕಾಶ ನೋಡಿಕೊಂಡು ನಡೆದರು.

"ಇವತ್ತು ಬಸ್ಸು ಹೋಯ್ತು, ನಾಳೆ ಊರೇ ಹೋಗತ್ತೆ," ಎಂದಳು ಹೆಂಡತಿ. ಮನೆಯಲ್ಲೇ ಬಟ್ಟೆ ಹೊಲಿಯುವವಳು. ದಾರವಾಗಲಿ ಮಾತಾಗಲಿ, ಉದ್ದ ಬಿಟ್ಟವಳಲ್ಲ. ಮಾರನೆಯ ಬೆಳಗ್ಗೆಯೇ ಗಂಡನನ್ನು ಚರ್ಮದ ಡಾಕ್ಟರ ಬಳಿ ಎಳೆದುಕೊಂಡು ಹೋದಳು. ಡಾಕ್ಟರು ಭೂತಗನ್ನಡಿ ಹಿಡಿದು ನೋಡಿ, ಬೇರಿಗೇ ಬಿಸಿ ಮುಟ್ಟಿಸದೆ ಈ ಕೂದಲು ಬುದ್ಧಿ ಕಲಿಯುವುದಿಲ್ಲ ಎಂದು ಲೇಸರ್ ಕೋಣೆಗೆ ಕಳುಹಿಸಿದರು.

ಅಲ್ಲಿದ್ದವಳು ಬಿಳಿ ಕೋಟಿನ, ಗಟ್ಟಿ ಕಂಠದ ಹೆಂಗಸು. ಕಣ್ಣಿಗೆ ಕಪ್ಪು ಕನ್ನಡಕ ಹಾಕಿಸಿ, ಕತ್ತು ಬೋಳಿಸಿ, ತಣ್ಣನೆಯ ಜೆಲ್ ಬಳಿದು, ಯಂತ್ರದ ಮೂತಿ ಇಟ್ಟಳು. ಪಟ್! ರಬ್ಬರ್ ಬ್ಯಾಂಡು ಎಳೆದು ಬಿಟ್ಟಂತೆ. ಪಟ್! ಪಟ್! ಸುಟ್ಟ ಕೂದಲಿನ ವಾಸನೆ ಮೂಗಿಗೆ ಬಡಿಯಿತು. ಎಲ್ಲ ಮುಗಿಯುವ ಹೊತ್ತಿಗೆ ನುಣುಪಣ್ಣ ಅವಳಿಗೆ ಮನಸ್ಸಿನಲ್ಲೇ ಮಿಂಚಕ್ಕ ಎಂದು ಹೆಸರಿಟ್ಟಾಗಿತ್ತು.

ಸಂಜೆ ಮನೆಯಲ್ಲಿ ಮಿಂಚಕ್ಕನ ಧ್ವನಿ ತೆಗೆದೇಬಿಟ್ಟ. ಗಿರಾಕಿಗಳ ಧ್ವನಿ ಅನುಕರಿಸುವುದು ಅವನ ಹಳೆಯ ಚಾಳಿ. ಸೊಂಟಕ್ಕೆ ಕೈ ಕೊಟ್ಟು, ಗಲ್ಲ ಮೇಲೆತ್ತಿ ಶುರುಮಾಡಿದ: "ನೋಡಿ ಸಾರ್, ಹೊಡೆಯೋದು ನನ್ ಕೆಲ್ಸ, ನೋಡ್ಕೊಳ್ಳೋದು ನಿಮ್ ಕೆಲ್ಸ, ಆಯ್ತಾ? ಎರಡು ದಿನ ಬಿಸಿನೀರು ಕತ್ತಿಗೆ ಬೀಳ್ಬಾರ್ದು. ಉರಿದ್ರೆ ತಣ್ಣೀರ ಬಟ್ಟೆ. ವಾಸನೆ ಇಲ್ದಿರೋ ಕ್ರೀಮು. ಹೊರಗ್ ಹೋದ್ರೆ ಸನ್‌ಸ್ಕ್ರೀನು. ಬಿಸಿಲು ಬೇಡ, ಉಜ್ಜೋದು ಬೇಡ, ಸೆಂಟು ಕಲೋನು ಬೇಡ, ಆಯ್ತಾ? ಮುಖ್ಯವಾಗಿ ಕೀಳ್ಬೇಡಿ! ಬೆಳಕು ಬೇರಿಗೆ ಇಳಿಯೋದು ಕೂದಲು ಹಿಡ್ಕೊಂಡೇ. ನೀವು ಕಿತ್ತು ಬಿಸಾಕಿದ್ರೆ ನನ್ ಬೆಳಕಿಗೆ ದಾರಿ ಯಾರ್ ತೋರಿಸ್ತಾರೆ ಸಾರ್? ಬೇಕಿದ್ರೆ ಬರೀ ಶೇವ್. ಆಯ್ತಾ?"

ಹೆಂಡತಿ ನಕ್ಕು ನಕ್ಕು ಸೂಜಿ ಬೀಳಿಸಿದಳು. ಆದರೆ ಅವನ ಬಾಯಿಂದ ಬಂದದ್ದನ್ನೆಲ್ಲ ಅಚ್ಚೊತ್ತಿದಂತೆ ಮನಸ್ಸಿಗೆ ಹಾಕಿಕೊಂಡಳು.

ಕೆಲವು ದಿನ ಕಳೆದ ಮೇಲೆ ಕತ್ತಿನಲ್ಲಿ ಕಪ್ಪು ಚುಕ್ಕೆಗಳು ತಲೆ ಎತ್ತಿದವು. ಬೆರಳಿಗೆ ತಾಗುವ ಕೂದಲನ್ನು ಸುಮ್ಮನೆ ಬಿಡುವುದು ಯಾವ ಕ್ಷೌರಿಕನಿಂದಾದೀತು? ನುಣುಪಣ್ಣ ಚಿಮಟ ಹುಡುಕಿಕೊಂಡು ಕನ್ನಡಿಯ ಮುಂದೆ ಡೊಂಕಾಗಿ ನಿಂತಿದ್ದಾಗ ಹಿಂದಿನಿಂದ, "ಸಾರ್, ಕೈ!" ಎಂಬ ಗುಡುಗು ಕೇಳಿಸಿತು. ಥೇಟ್ ಮಿಂಚಕ್ಕನೇ. ಚಿಮಟ ಕೈಜಾರಿತು. ತಿರುಗಿದರೆ ಹೆಂಡತಿ, ಬಾಯಲ್ಲಿ ಗುಂಡುಸೂಜಿ ಕಚ್ಚಿಕೊಂಡೇ ನಗುತ್ತಿದ್ದಳು.

"ಯಾವಾಗ್ ಕಲಿತೆಯೇ ಇದನ್ನ?"

"ಗುರುಗಳು ಮನೇಲೇ ಇದ್ದಾರಲ್ಲ."

ಆ ಕಪ್ಪು ಚುಕ್ಕೆಗಳು ಬೆಳೆಯಲು ಬಂದವಲ್ಲ, ಹೊರಡಲು ಬಂದವು. ಸ್ನಾನದಲ್ಲಿ ಮೆತ್ತನೆಯ ಬಟ್ಟೆ ಆಡಿಸಿದಂತೆ ಹೇಳದೆ ಕೇಳದೆ ಉದುರಿಹೋದವು. ಚಿಮಟದಿಂದ ಪಾರಾದ ಕತ್ತು ಸಿಕ್ಕಿಬಿದ್ದದ್ದು ಅಂಗಡಿಯಲ್ಲಿ.

ನುಣುಪಣ್ಣನಿಗೊಂದು ಅಭ್ಯಾಸವಿತ್ತು. ಶೇವಿಂಗ್ ಮುಗಿದ ಮೇಲೆ ಹಸಿರು ಗಾಜಿನ ಬಾಟಲಿಯಿಂದ ಕಲೋನ್ ಅಂಗೈಗೆ ಸುರಿದುಕೊಂಡು, ಗಿರಾಕಿಯ ಎರಡೂ ಗಲ್ಲಕ್ಕೆ ತಟ್ಟಿ, ಅಂಗೈಯಲ್ಲಿ ಉಳಿದದ್ದನ್ನು ತನ್ನ ಹಿಂಗತ್ತಿಗೆ ಬಡಿದುಕೊಳ್ಳುತ್ತಿದ್ದ. ಅಪ್ಪನಿಂದ ಬಂದದ್ದು. ಕೈಗೆ ಅದು ಉಸಿರಾಟದಂತೆ. ತಲೆಯ ಅಪ್ಪಣೆ ಬೇಕಿರಲಿಲ್ಲ. ಲೇಸರ್ ಆದ ಕತ್ತಿಗೆ ಮೊದಲ ಸಲ ಕಲೋನ್ ಬಿದ್ದಾಗ ಅವನು ಎಬ್ಬಿಸಿದ ಊಳನ್ನು ಬೆಂಚಿನ ಮೇಲಿದ್ದವರು ಹೊಸ ಮಿಮಿಕ್ರಿ ಎಂದುಕೊಂಡು ಚಪ್ಪಾಳೆ ತಟ್ಟಿದರು. "ನರೀನಾ, ರೈಲಾ?" ಎಂದು ಒಬ್ಬ ಕೇಳಿದ. ಹೀಗೆ ದಿನಕ್ಕೆ ಒಂದೆರಡು ಸಲ ನರಿಯೋ ರೈಲೋ ಆಗುತ್ತಲೇ ಹೋಯಿತು. ಎರಡನೆಯ ಸಲ ಲೇಸರ್ ಕೋಣೆಗೆ ಹೋದಾಗ ಕತ್ತು ಬೆಂದ ಬೀಟ್‌ರೂಟು.

ಮಿಂಚಕ್ಕ ಯಂತ್ರ ಆರಿಸಿದಳು. "ಇದ್ರ ಮೇಲೆ ಹೊಡೆದ್ರೆ ಸುಟ್ಟು ಕಲೆ ಆಗತ್ತೆ ಸಾರ್. ವಾಸಿ ಮಾಡ್ಕೊಂಡು ಬನ್ನಿ. ಇನ್ನೊಂದ್ ಸಲ ಹೀಗೇ ಬಂದ್ರೆ ನಿಲ್ಸಿಬಿಡಿ ಅಂತ ಡಾಕ್ಟ್ರೇ ಹೇಳ್ತಾರೆ. ಆಮೇಲೆ ಗುಳ್ಳೆ ಜೊತೆಗೇ ಸಂಸಾರ. ಆಯ್ತಾ?"

ಆ ಸಂಜೆ ಮಿಮಿಕ್ರಿ ಇರಲಿಲ್ಲ. ನುಣುಪಣ್ಣ ಗೋಡೆಗೆ ಒರಗಲೂ ಆಗದೆ ಬೆನ್ನು ನೆಟ್ಟಗೆ ಮಾಡಿ ಕೂತಿದ್ದ. "ಅಪ್ಪ ಕಟ್ಟಿದ ಅಂಗಡಿ ಕಣೇ. ನನ್ ಕೈಯೇ ಅದಕ್ಕೆ ಬೀಗ ಹಾಕ್ಬಿಡತ್ತೇನೋ," ಎಂದ. ಹೆಂಡತಿ ಅಳತೆಯ ಟೇಪು ತಂದು ಅವನ ಕತ್ತಿಗೆ ಸುತ್ತಿದಳು.

ಬೆಳಗ್ಗೆ ಅವನ ಕತ್ತಿಗೆ ತೊಳೆದು ಹದ ಮಾಡಿದ ಹಳೆಯ ಹತ್ತಿಬಟ್ಟೆಯ ಎತ್ತರದ ಕಾಲರು ಬಂತು. ಒರಟು ಹೊಲಿಗೆಯೆಲ್ಲ ಹೊರಮುಖ, ಒಳಗೆ ಬರೀ ಮೆತ್ತಗೆ. ಅಂಗಡಿಯ ಬಾಗಿಲು ಪಡುವಣಕ್ಕಿತ್ತು. ನುಣುಪಣ್ಣ ದಿನವಿಡೀ ಬಾಗಿಲಿಗೆ ಬೆನ್ನು ಹಾಕಿ ನಿಲ್ಲುವವನು. ಸಂಜೆ ಬಿಸಿಲು ನೇರವಾಗಿ ಕತ್ತಿಗೇ ಬೀಳುತ್ತಿತ್ತು. ಈಗ ಬಿಸಿಲಿಗೂ ತಡೆ, ಕೈಗೂ ತಡೆ.

ಬಾಯಿಗೆ ಮಾತ್ರ ತಡೆಯಿರಲಿಲ್ಲ. ಕಾಲರೇಕೆ ಎಂದು ಕೇಳಿದವರಿಗೆಲ್ಲ ಒಂದೊಂದು ಕತೆ. ಒಬ್ಬನಿಗೆ ಶೀತ, ಒಬ್ಬನಿಗೆ ಉಳುಕು, ಇನ್ನೊಬ್ಬನಿಗೆ ಹೊಸ ಫ್ಯಾಷನ್. ಎರಡನೆಯ ಕುರ್ಚಿಯಲ್ಲಿ ಕೆಲಸ ಮಾಡುವ ಭಾವಮೈದನಿಗೂ ಸತ್ಯ ಹೇಳಿರಲಿಲ್ಲ. ಹೆಂಡತಿಯ ತಮ್ಮ, ದೊಡ್ಡ ಹೊಟ್ಟೆಯ, ಸಣ್ಣ ಮಾತಿನ ಆಸಾಮಿ. ಕತ್ತರಿ ಹಿಡಿಯುವುದರಿಂದ ಹಿಡಿದು ಕಲೋನ್ ತಟ್ಟುವವರೆಗೆ ಎಲ್ಲ ನುಣುಪಣ್ಣನೇ ಕಲಿಸಿದ್ದು. ಊರಿನ ಕೂದಲು ತೆಗೆಯುವವನು ತನ್ನ ಕೂದಲು ತೆಗೆಸಲು ಇನ್ನೊಬ್ಬರ ಬಾಗಿಲಿಗೆ ಹೋದನೆಂದು ಶಿಷ್ಯನಿಗೆ ಹೇಗೆ ಹೇಳುವುದು?

ಕಾಲರನ್ನು ಪ್ರತಿ ಸಂಜೆ ಒಗೆಯುತ್ತಿದ್ದವಳು ಹೆಂಡತಿ. ನುಣುಪಣ್ಣನ ಕೈ ಮಾತ್ರ ತನ್ನ ಚಾಳಿ ಬಿಟ್ಟಿರಲಿಲ್ಲ. ಮೊದಲ ದಿನವೇ ಕಾಲರ ಹಿಂಭಾಗ ಒದ್ದೆ, ಮೂಗಿಗೆ ಹಿಡಿದರೆ ಘಮ್. ಅವಳು ಕಾಲರು ಒಗೆದು ಹರವಿದಳು, ಎಂದಿನಂತೆ ಬೆಳಗ್ಗೆ ಅಂಗಡಿಯ ಹಸಿರು ಬಾಟಲಿ ತುಂಬಿಸಿ ಚೀಲಕ್ಕಿಟ್ಟಳು.

ವಾರಗಳು ಸರಿದವು. ಬೀಟ್‌ರೂಟು ಬಣ್ಣ ಇಳಿದು ಕತ್ತು ಮನುಷ್ಯರ ಕತ್ತಾಯಿತು. ನಿವೃತ್ತ ಹೆಡ್‌ಮೇಷ್ಟ್ರು ಶೇವಿಂಗ್ ಮುಗಿಸಿಕೊಂಡು ಗಲ್ಲ ಸವರಿಕೊಳ್ಳುತ್ತ, "ಏನಯ್ಯಾ, ಈಚೆಗೆ ಕಲೋನ್ ಹಾಕಿದ್ರೆ ಉರೀನೇ ಇಲ್ಲ! ತಂಪಾಗಿರತ್ತೆ. ಕೈ ಪಳಗಿತು ನಿಂದು," ಎಂದರು.

"ಎಲ್ಲ ಅಂಗೈ ಗುಣ ಮೇಷ್ಟ್ರೇ. ಒಂದು ಹದ ಇರತ್ತೆ," ಎಂದು ನುಣುಪಣ್ಣ ಉಬ್ಬಿದ. ಭಾವಮೈದನ ಕಡೆ ತಿರುಗಿ, "ನೋಡ್ಕೊಂಡು ಕಲಿ," ಎಂದೂ ಸೇರಿಸಿದ.

ಮತ್ತೆ ಲೇಸರ್ ದಿನ ಹತ್ತಿರ ಬಂತು. ಹಿಂದಿನ ದಿನ ಕತ್ತು ಬೋಳಿಸಿಕೊಂಡು ಬರಬೇಕೆಂದು ಮಿಂಚಕ್ಕ ಹೇಳಿದ್ದಳು. "ಸಾರ್ ಬಾರ್ಬರ್ ಅಲ್ವಾ, ನಿಮಗೇನು ಕಷ್ಟ?" ಎಂದೂ ನಕ್ಕಿದ್ದಳು. ಕಷ್ಟವೇ ಅಲ್ಲಿತ್ತು. ಊರಿನವರ ಕತ್ತೆಲ್ಲ ಅವನ ಕೈಗೆಟುಕುತ್ತಿತ್ತು, ತನ್ನ ಕತ್ತೊಂದು ಬಿಟ್ಟು. ಮಧ್ಯಾಹ್ನ ಅಂಗಡಿ ಮುಚ್ಚಿ ಮನೆಗೆ ಬಂದು ಹೆಂಡತಿಯ ಕೈಗೆ ರೇಜರು ಕೊಟ್ಟು ಕೂತ. ಕತ್ತಿನ ಮೇಲೆ ಏನೋ ಗೀಚಿದಂತಾಯಿತು.

"ಏನೇ ಅದು?"

"ಸೀಮೆಸುಣ್ಣ. ಗುರುತು ಹಾಕ್ದೆ ನಾನು ಯಾವ ಬಟ್ಟೇನೂ ಕತ್ತರಿಸಿದೋಳಲ್ಲ."

ನುಣುಪಣ್ಣ ಕಾಲರು ಕತ್ತಿಗೆಳೆದುಕೊಂಡು ಕುರ್ಚಿಯಿಂದ ಎದ್ದ ರಭಸಕ್ಕೆ ಚಪ್ಪಲಿ ಒಂದೇ ಕಾಲಿಗೆ ಬಂತು. "ರೀ, ನನ್ನ ತಮ್ಮ ಇಲ್ವಾ? ಅವನ ಹತ್ರ ಹೋಗಿ," ಎಂದು ಅವಳೂ ಹಿಂದೆಯೇ ಹೊರಟಳು.

ಅಂಗಡಿ ತೆರೆಯುವುದನ್ನೇ ಕಾಯುತ್ತ ಭಾವಮೈದನೂ ಮೇಷ್ಟ್ರೂ ಹೊರಗೆ ನಿಂತಿದ್ದರು. ಮೇಷ್ಟ್ರನ್ನು ಬೆಂಚಿನ ಮೇಲೆ ಕೂರಿಸಿ, ನುಣುಪಣ್ಣ ಗಿರಾಕಿಯ ಕುರ್ಚಿಯಲ್ಲಿ ತಾನೇ ಕೂತು ಕಾಲರು ಬಿಚ್ಚಿದ. ಸೀಮೆಸುಣ್ಣದ ಗೆರೆ ನೋಡಿ ಭಾವಮೈದ, "ಭಾವಾ, ಕೋಟು ಹೊಲಿಸ್ತಿದೀರಾ?" ಎಂದ. ನುಣುಪಣ್ಣ ಕನ್ನಡಿಯಲ್ಲಿ ಅವನ ಕಣ್ಣು ತಪ್ಪಿಸುತ್ತ ಎಲ್ಲ ಹೇಳಿದ. ಯಂತ್ರ, ಮಿಂಚಕ್ಕ, ಬಸ್ ಡ್ರೈವರ್, ಎಲ್ಲ.

ಭಾವಮೈದ ರೇಜರಿಗೆ ಹೊಸ ಬ್ಲೇಡು ಹಾಕಿದ. "ಎಲ್ರೂ ಲೇಸರ್ ಮಾಡಿಸ್ಕೊಂಡ್ರೆ ನಮ್ಗೇನ್ ಲೇಸು ಭಾವಾ?"

"ನನ್ ಕತ್ತೊಂದೇ ಕಣೋ. ಉಳಿದವರ ಗಡ್ಡ ಎಲ್ಲ ನಿಂದೇ."

"ನಂಗೆ ಹೇಳ್ಬೋದಿತ್ತು. ದಿನಾ ಆ ಕತ್ತು ನೋಡ್ತಿದ್ದೋನು ನಾನೇ ಅಲ್ವಾ?" ಎಂದ ಅವನು. ಅಷ್ಟೇ. ಬೆಚ್ಚನೆಯ ನೊರೆ ಹಚ್ಚಲು ಹೋಗಿ ನಿಂತು, ತಣ್ಣೀರಿನಲ್ಲಿ ನೊರೆ ಕಲಸಿ, ಕೂದಲು ಬೆಳೆದ ದಿಕ್ಕಿಗೇ ರೇಜರು ಇಳಿಸಿದ. ಗಾಳಿ ಊದಿದಂತಿತ್ತು. ತಾನೇ ಕಲಿಸಿದ ಕೈ ಇಷ್ಟು ಹಗುರವೆಂದು ನುಣುಪಣ್ಣನಿಗೆ ಗೊತ್ತಿರಲಿಲ್ಲ. ಇಷ್ಟು ವರ್ಷದಲ್ಲಿ ಅದರ ಕೆಳಗೆ ಒಮ್ಮೆಯೂ ಕೂತವನಲ್ಲ. ಕಣ್ಣು ಮುಚ್ಚಿತು. ಪಾರಾದೆ ಎಂದುಕೊಂಡ.

ಆಗ ಬಾಟಲಿಯ ಮುಚ್ಚಳ ತಿರುಗಿದ ಸದ್ದು.

ಭಾವಮೈದನ ಕೈಯೂ ಅದೇ ಗರಡಿಯದು. ಶೇವಿಂಗ್ ಮುಗಿಯಿತೆಂದರೆ ಅಂಗೈಗೆ ಸುರಿದುಕೊಳ್ಳುವುದು, ತಟ್ಟುವುದು. ನುಣುಪಣ್ಣ "ಬೇಡ್ವೋ!" ಅನ್ನುವಷ್ಟರಲ್ಲಿ ಚಟಾರ್! ಹಸಿ ಕತ್ತಿನ ತುಂಬ ಬಿತ್ತು. ನುಣುಪಣ್ಣ ನರಿ, ರೈಲು ಎರಡನ್ನೂ ಒಟ್ಟಿಗೆ ಕೂಗಿದ. ಭಾವಮೈದ ಬೆಚ್ಚಿ ಬಾಟಲಿ ಎದೆಗವಚಿಕೊಂಡ. "ಭಾವಾ... ಕೈ ತಾನಾಗೇ..."

ನುಣುಪಣ್ಣ ಕೂಗುತ್ತಲೇ ಇದ್ದ. ನಾಳೆಯ ಬಾಗಿಲು ಮುಚ್ಚಿತು, ಗುಳ್ಳೆಯ ಸಂಸಾರ ಖಾಯಂ ಆಯಿತು ಎಂದು ಕೂಗುತ್ತ ಕೂಗುತ್ತ ಉರಿಗಾಗಿ ಕಾದ. ಉರಿ ಬರಲಿಲ್ಲ. ಕೂಗು ತಾನಾಗಿ ಸಣ್ಣದಾಯಿತು. ಒಂದು ಕಣ್ಣು ತೆರೆದ.

"ತಂಪಾಗಿದೆ," ಎಂದ.

ಬೆಂಚಿನ ತುದಿಯಲ್ಲಿ ಹೆಂಡತಿ ಸೆರಗು ಬಾಯಿಗೊತ್ತಿಕೊಂಡು ಅಲುಗಾಡುತ್ತಿದ್ದಳು. "ನೀರು ರೀ. ಕುದಿಸಿ ಆರಿಸಿದ ನೀರು. ಘಮ ಅಂಗಡಿ ಗೋಡೆಗೇ ಹತ್ತಿದೆ, ಯಾರ ಮೂಗಿಗೂ ಗೊತ್ತಾಗ್ಲಿಲ್ಲ. ಮೊದಲ್ನೇ ದಿನ ಕಾಲರ್ ಒದ್ದೆ ಆಗಿ ಬಂತಲ್ಲ, ಮಾರನೇ ಬೆಳಗ್ಗೆಯಿಂದ ಬಾಟ್ಲಿಗೆ ಅದೇ. ನಿಮ್ ಕೈ ಬಿಡಿಸೋದು ನನ್ನಿಂದ ಆಗಲ್ಲ, ಕಲೋನ್ ಬಿಡಿಸೋದು ಆಗತ್ತೆ."

"ನಂಗ್ಯಾಕೆ ಹೇಳ್ಲಿಲ್ಲ?"

"ನಿಮಗೆ ಹೇಳಿದ್ರೆ ನಾಳೆ ನನ್ ಧ್ವನೀಲೇ ಊರಿಗೆಲ್ಲ ಹೇಳ್ತಿದ್ರಿ."

ಮೇಷ್ಟ್ರು ನಿಧಾನವಾಗಿ ಎದ್ದು ನಿಂತರು. "ಅಂದ್ರೆ ನನ್ನ ಗಲ್ಲಕ್ಕೆ ಇಷ್ಟು ದಿನ..."

"ಅದೇ ನೀರು ಮೇಷ್ಟ್ರೇ," ಎಂದಳು ಹೆಂಡತಿ.

"ಅಂಗೈ ಹದ ಅಂದ್ಯಲ್ಲಯ್ಯಾ!"

ನುಣುಪಣ್ಣ ಕುರ್ಚಿಯಲ್ಲಿ ಇನ್ನಷ್ಟು ಕೆಳಕ್ಕೆ ಜಾರಿದ. ಭಾವಮೈದ ಬಾಟಲಿ ಮೂಸಿ ನೋಡಿ, "ಭಾವಾ, ನೋಡ್ಕೊಂಡು ಕಲಿತೆ," ಎಂದ. ಮೇಷ್ಟ್ರಿಗೆ ಮೊದಲು ನಗು ಬಂತು, ಆಮೇಲೆ ಎಲ್ಲರಿಗೂ. ಹೊರಡುವಾಗ ಅವರು ಬಾಗಿಲಲ್ಲಿ ತಿರುಗಿ, "ನಂಗೆ ನೀರೇ ಇರ್ಲಿ. ಆ ಉರಿ ಬೇಡ," ಎಂದರು.

ಮಾರನೆಯ ದಿನ ಮಿಂಚಕ್ಕ ಕತ್ತಿನ ಮೇಲೆ ಬೆರಳಾಡಿಸಿ ಹುಬ್ಬೇರಿಸಿದಳು. "ಕೆಂಪಿಲ್ಲ, ಗಾಯ ಇಲ್ಲ. ಎಷ್ಟು ನುಣುಪಾಗಿ ಬೋಳಿಸಿದಾರೆ! ಯಾರು ಸಾರ್?"

"ನನ್ನ ಭಾವಮೈದ. ಈ ಊರಲ್ಲಿ ಅವನಷ್ಟು ಹಗುರ ಕೈ ಇನ್ನೊಂದಿಲ್ಲ," ಎಂದ ನುಣುಪಣ್ಣ. ಅದನ್ನು ಅವನು ತನ್ನ ಸ್ವಂತ ಧ್ವನಿಯಲ್ಲೇ ಹೇಳಿದ.

ಕಪ್ಪು ಕನ್ನಡಕ. ಜೆಲ್. ಪಟ್! ಪಟ್! ಎಲ್ಲ ಮುಗಿದು ತಣ್ಣನೆಯ ಬಟ್ಟೆ ಕತ್ತಿಗೆ ಬಿದ್ದಾಗ ಮಂಚದ ಮೇಲಿದ್ದ ಅವನ ಎಡಗೈ ತಾನಾಗಿ ಎದ್ದು ಹಿಂಗತ್ತಿನ ಕಡೆ ಹೊರಟಿತು.

"ಸಾರ್, ಕೈ!"

"ಬರೀ ಕೈ ಕಣಮ್ಮಾ," ಎಂದು ಅವನು ಖಾಲಿ ಅಂಗೈ ಬಿಡಿಸಿ ತೋರಿಸಿದ. "ಅಭ್ಯಾಸಕ್ಕೆ ಬಂತು. ಹೋಗತ್ತೆ."