ಮೈಕ್ ಗುಡ್ಡಪ್ಪನ ಹಾರ್ನು ಹೇಳಿದ್ದು

ನಾನು ಒಂದು ಹಾರ್ನು. ಅಲ್ಯೂಮಿನಿಯಂ ಮೈ, ಅಗಲವಾದ ಬಾಯಿ, ಹಿಂದೆ ಮುಷ್ಟಿಯಷ್ಟು ಗಂಟಲು. ಜನ ನನ್ನನ್ನೇ ಮೈಕು ಅನ್ನುತ್ತಾರೆ. ಮೈಕು ಬೇರೆ ಕಣ್ರೀ. ಅದು ಮಾತಾಡುವವನ ಕೈಯಲ್ಲಿ ನೆರಳಿನಲ್ಲಿರುತ್ತದೆ, ನಾನು ಗಾಡಿಯ ನೆತ್ತಿಯ ಮೇಲೆ ಬಿಸಿಲು ಕುಡಿಯುತ್ತಿರುತ್ತೇನೆ. ಹೋಗಲಿ ಬಿಡಿ, ಏನಾದರೂ ಕರೆದುಕೊಳ್ಳಲಿ.

ನಾನು ಹುಟ್ಟಿದ್ದು ಹುಬ್ಬಳ್ಳಿಯ ಒಂದು ತಗಡಿನ ಶೆಡ್ಡಿನಲ್ಲಿ. ತಗಡನ್ನು ಗರಗರ ತಿರುಗಿಸಿ, ಕೋಲಿನಿಂದ ಒತ್ತಿ ಒತ್ತಿ ನನ್ನ ಬಾಯಿ ಅಗಲ ಮಾಡಿದರು. ನೋವಾಯಿತೇ ಎಂದು ಒಬ್ಬನೂ ಕೇಳಲಿಲ್ಲ. ಬೂದು ಬಣ್ಣ ಬಳಿದು ಅಂಗಡಿಯಲ್ಲಿ ನೇತುಹಾಕಿದರು. ಅಲ್ಲಿಂದ ನನ್ನನ್ನು ಇಳಿಸಿಕೊಂಡವನು ಗುಡ್ಡಪ್ಪ. ತುಂಗಭದ್ರೆಯ ದಡದ ಒಂದು ಪುರಸಭೆಯ ಊರಿನವನು. ಬಸ್ಸಿನ ಟಾಪಿನ ಮೇಲೆ ಹಾಕಿದರೆ ಪೆಟ್ಟಾದೀತೆಂದು ಊರು ಮುಟ್ಟುವ ತನಕ ತೊಡೆಯ ಮೇಲೆ ಇಟ್ಟುಕೊಂಡಿದ್ದ. ಆ ತೊಡೆಯ ಬಿಸಿಯನ್ನು ನಾನು ಮರೆತಿಲ್ಲ.

ಅವನ ದನಿ ಎಂಥದ್ದು ಅಂತೀರಿ! ಪೋಲಿಯೋ ಹನಿ ಹಾಕಿಸಿ ಎಂದು ಅವನು ಹೇಳಿದರೆ ತಾಯಂದಿರು ಕೈಯಲ್ಲಿದ್ದ ಕೆಲಸ ಬಿಟ್ಟು ಮಕ್ಕಳನ್ನೆತ್ತಿಕೊಂಡು ಬರುತ್ತಿದ್ದರು. ನಳದ ನೀರು ಎಷ್ಟು ಹೊತ್ತಿಗೆ ಬರುತ್ತದೆ, ಯಾರ ಎಮ್ಮೆ ತಪ್ಪಿಸಿಕೊಂಡಿದೆ, ಯಾರು ತೀರಿಕೊಂಡರು, ಎಲ್ಲವನ್ನೂ ಊರು ಕೇಳಿದ್ದು ಅವನ ಬಾಯಿಂದ. ಅಂದರೆ ನನ್ನ ಬಾಯಿಂದ. ಊರಿಗೆಲ್ಲ ಅವನು ಮೈಕ್ ಗುಡ್ಡಪ್ಪ.

ಅವನಿದ್ದದ್ದು ಕುಂಬಾರಗೇರಿಯಲ್ಲಿ. ಗೇರಿಗೂ ಊರಿಗೂ ನಡುವೆ ಒಂದು ಹಳ್ಳ. ಹೆಸರಿಗೆ ಹಳ್ಳ, ಹರಿಯುವುದು ಊರಿನ ಕೊಳಕು. ದಾಟುವುದಕ್ಕೆ ಎರಡು ಹಳೆಯ ಕರೆಂಟ್ ಕಂಬಗಳನ್ನು ಅಡ್ಡ ಹಾಕಿದ್ದರು. ಗುಡ್ಡಪ್ಪನ ಹೆಂಡತಿ ಹಾಲವ್ವ ಒಂದು ಮಳೆಗಾಲದಲ್ಲಿ ಅದರ ಮೇಲಿಂದ ಜಾರಿ ಬಿದ್ದು ಕಾಲು ಮುರಿದುಕೊಂಡವಳು ಇವತ್ತಿಗೂ ಕುಂಟುತ್ತಾಳೆ.

ಪುರಸಭೆ ಚುನಾವಣೆ ಬಂದಾಗ ಪಂಚಾಕ್ಷರಪ್ಪ ಎಂಬವನು ನಮ್ಮನ್ನು ಬಾಡಿಗೆಗೆ ಕರೆದ. ಗುಡ್ಡಪ್ಪ ಆಟೋದಲ್ಲಿ ಕೂತು ಶುರು ಮಾಡಿದ: "ಕುಂಬಾರಗೇರಿಯ ಮತದಾರ ಬಂಧುಗಳೇ, ನಮ್ಮ ನೆಚ್ಚಿನ ಅಭ್ಯರ್ಥಿ ಪಂಚಾಕ್ಷರಪ್ಪನವರು ಗೆದ್ದ ಆರೇ ತಿಂಗಳಲ್ಲಿ ಹಳ್ಳಕ್ಕೆ ಸೇತುವೆ ಕಟ್ಟಿಸಿಕೊಡುತ್ತಾರೆ!" ಗೇರಿಯ ಹೆಂಗಸರು ಬಾಗಿಲಿಗೆ ಬಂದು ಕಣ್ಣರಳಿಸಿ ಕೇಳಿದರು. ಗುಡ್ಡಪ್ಪನೂ ನಂಬಿಯೇ ಹೇಳಿದ, ಬೇರೆ ಸಾಕ್ಷಿ ಬೇಡ, ನಾನೇ ಸಾಕ್ಷಿ. ಪಂಚಾಕ್ಷರಪ್ಪ ಗೆದ್ದ. ಸೇತುವೆ ಆಗಲಿಲ್ಲ. ಮುಂದಿನ ಸಲ ಸೀಟು ಮಹಿಳೆಗೆ ಮೀಸಲಾಯಿತು, ಅವನ ಹೆಂಡತಿ ನಿಂತು ಗೆದ್ದಳು. ಆಗಲೂ ನಾವೇ, ಆಗಲೂ ಸೇತುವೆ. ಮೂರನೇ ಸಲ ಮತ್ತೆ ಅವನೇ ನಿಂತ. ಏಕಕಾಲಕ್ಕೆ ನಾಲ್ಕು ಆಟೋ ಓಡಿಸಬೇಕೆಂದು ಗುಡ್ಡಪ್ಪನ ಮಾತನ್ನು ಪೇಟೆಯ ಸೌಂಡ್ ಅಂಗಡಿಯಲ್ಲಿ ರೆಕಾರ್ಡ್ ಮಾಡಿಸಿದ. ಮೂರನೇ ಸಲ ಗುಡ್ಡಪ್ಪ ನಂಬಿರಲಿಲ್ಲ. ಆದರೂ ದನಿ ಮಾತ್ರ ಮೊದಲಿನಷ್ಟೇ ಸೊಗಸಾಗಿತ್ತು. ಹಾಳಾದ್ದು, ಅದೇ ತಪ್ಪಾಯಿತು.

ಆ ವರ್ಷವೇ ನೆರೆಮನೆಯ ಫಕೀರವ್ವನ ಗಂಡನಿಗೆ ಎದೆನೋವು ಬಂತು. ಆಂಬುಲೆನ್ಸ್ ಬಂದು ಹಳ್ಳದ ಆಚೆಗೇ ನಿಂತಿತು. ಕೌದಿಯಲ್ಲಿ ಮಲಗಿಸಿ ನಾಲ್ಕು ಜನ ಹಿಡಿದುಕೊಂಡು ಕಂಬದ ಮೇಲೆ ಹೆಜ್ಜೆಹೆಜ್ಜೆ ದಾಟಿಸುವಷ್ಟರಲ್ಲಿ ಅವನ ಉಸಿರು ಹೋಗಿತ್ತು. ಮಣ್ಣಿಗೆ ಕರೆಯುವ ಸುದ್ದಿ ಸಾರಲು ಗುಡ್ಡಪ್ಪ ಹಳ್ಳದ ಆಚೆ ನಿಂತಿದ್ದ ಆಟೋಗೆ ನನ್ನನ್ನು ಕಟ್ಟುತ್ತಿದ್ದ. ಫಕೀರವ್ವ ಓಡಿಬಂದು ಅವನ ಅಂಗಿ ಹಿಡಿದಳು.

"ಸೇತುವಿ ಕಟ್ತಾರ ಅಂತ ಹೇಳಿದ್ದು ಯಾರು ಗುಡ್ಡಣ್ಣ? ಪಂಚಾಕ್ಷರಪ್ಪ ನನ್ನ ಬಾಗಿಲಿಗೆ ಬಂದು ಹೇಳಿಲ್ಲ. ಮೂರು ಸಲ ನಿನ್ನ ಬಾಯಾಗ ಕೇಳೀನಿ. ನೀ ಹೇಳಿದಿ ಅಂತ ನಂಬೀನಿ."

ಗುಡ್ಡಪ್ಪ ನನ್ನನ್ನು ಆಟೋದಿಂದ ಬಿಚ್ಚಿದ. ಆ ಸಾವಿನ ಸುದ್ದಿಯನ್ನು ಅವತ್ತು ಬೇರೆಯವರು ಸಾರಿದರು.

ಅಲ್ಲಿಂದ ಅವನಿಗೆ ಒಂದೇ ಹುಚ್ಚು. ಆಡಿದ ಮಾತು ತನ್ನದು, ತಾನೇ ನಡೆಸಬೇಕು. ನಾಲ್ಕನೇ ಚುನಾವಣೆಗೆ ತಾನೇ ಪಕ್ಷೇತರನಾಗಿ ಅರ್ಜಿ ಹಾಕಿದ. ಸೀಟಿಯ ಗುರುತು ಸಿಕ್ಕಿತು. "ನಿಮಗ್ಯಾಕ ಬೇಕಿತ್ತು ಇದು? ಅವರ ಎದುರು ನಾವು ನಿಲ್ಲೋದಾ?" ಎಂದು ಹಾಲವ್ವ ಗೊಣಗಿದಳು. ಗೊಣಗುತ್ತಲೇ ನನ್ನ ಬಾಯಿಯ ಧೂಳು ಒರೆಸಿ ಕುಂಕುಮ ಇಟ್ಟಳು. ಹೆಮ್ಮೆಯಿಂದ ನಾನು ಉಬ್ಬಿಹೋದೆ. ಜೀವಮಾನದಲ್ಲಿ ಮೊದಲ ಸಲ ಬಾಡಿಗೆಯಿಲ್ಲದ ಮಾತಾಡಲು ಹೊರಟಿದ್ದೆ.

ಆಟೋ ಗೇರಿಯ ಎದುರು ಹಳ್ಳದ ದಡಕ್ಕೆ ಬಂತು. ಗುಡ್ಡಪ್ಪ ಮೈಕು ಹಿಡಿದ. ಬಾಯಿಂದ ಬಂದದ್ದೇನು? "ಮತದಾರ ಬಂಧುಗಳೇ, ನಮ್ಮ ನೆಚ್ಚಿನ ಅಭ್ಯರ್ಥಿ ಗುಡ್ಡಪ್ಪನವರು..."

ಅಯ್ಯೋ ಮಾರಾಯ!

ಹಾಲವ್ವ ಪಕ್ಕದಲ್ಲೇ ಕೂತಿದ್ದಳು. "ನಾನು ಅನ್ರೀ. ಗುಡ್ಡಪ್ಪನವರು ಅಂದ್ರ ಯಾರೋ ಬ್ಯಾರೆಯವರಂಗ ಕೇಳಸ್ತೈತಿ," ಎಂದು ತಿವಿದಳು. ಅವನು "ನಾನು..." ಎಂದ. ನಿಂತ. ಗಂಟಲು ಸರಿಮಾಡಿಕೊಂಡ. ಮತ್ತೆ "ನಾನು..." ಎಂದ. ಇಪ್ಪತ್ತು ವರ್ಷ ಇನ್ನೊಬ್ಬರ ಹೆಸರು ಕೂಗಿದ ನಾಲಿಗೆಗೆ ಆ ಮಾತು ಅಂಟಿಕೊಳ್ಳಲೇ ಇಲ್ಲ. ನಾಚಿಕೆಯಾಯಿತೋ ಏನೋ, ತಿರುಗಿ ಹಳೆಯ ದಾರಿಗೇ ಬಂದ: "ಗುಡ್ಡಪ್ಪನವರು ಗೆದ್ದ ಆರೇ ತಿಂಗಳಲ್ಲಿ ಹಳ್ಳಕ್ಕೆ ಸೇತುವೆ ಕಟ್ಟಿಸಿಕೊಡುತ್ತಾರೆ!" ಅದೇ ರಾಗ, ಅದೇ ಎಳೆತ. ಕಟ್ಟೆಯ ಮೇಲೆ ಕೂತವರು ಹೊಟ್ಟೆ ಹಿಡಿದು ನಕ್ಕರು. "ಈ ಸಲ ಯಾರ ಬಾಡಿಗಿ ಮಾವಾ?" ಎಂದು ಒಬ್ಬ ಕೂಗಿದ. ನನಗೆ ಮೈಯೆಲ್ಲ ಉರಿಯಿತು. ಉರಿದು ಮಾಡುವುದೇನು, ನನಗೆ ಸ್ವಂತದ್ದೊಂದು ಮಾತು ಎಲ್ಲಿದೆ?

ಅವನಿಗೆ ಬಿದ್ದದ್ದು ಮೂವತ್ತೇಳು ಮತ, ಗೆದ್ದದ್ದು ಪಂಚಾಕ್ಷರಪ್ಪನೇ. ಮರುದಿನ ಫಕೀರವ್ವ ಮನೆಗೆ ಬಂದು ಸುಳ್ಳಾಡದೆ ಹೇಳಿದಳು. "ನಾ ನಿನಗ ಹಾಕಿಲ್ಲ ಗುಡ್ಡಣ್ಣ. ಹಾಕಬೇಕಂತನ ಹೋಗಿದ್ದೆ. ನಿನ್ನ ದನಿ ಕಿವ್ಯಾಗ ಬಂತು, ಕೈ ಏಳಲಿಲ್ಲ." ಗುಡ್ಡಪ್ಪ ತಲೆಯಾಡಿಸಿದ. ಅವಳ ಮೇಲೆ ಅವನಿಗೆ ಸಿಟ್ಟು ಬರಲಿಲ್ಲ. ನನಗೆ ಬಂತು. ಪಂಚಾಕ್ಷರಪ್ಪನಿಗೆ ಎದ್ದ ಕೈ ಇವನಿಗೆ ಏಳಲಿಲ್ಲವೇ ಎಂದು ಈಗಲೂ ಬರುತ್ತದೆ.

ಗೆದ್ದವರನ್ನು ಎದುರು ಹಾಕಿಕೊಂಡವನನ್ನು ಮದುವೆ ಮುಂಜಿಗೂ ಯಾರೂ ಕರೆಯಲಿಲ್ಲ. ಇನ್ನು ಮೈಕು ಮುಟ್ಟುವುದಿಲ್ಲ ಎಂದು ಗುಡ್ಡಪ್ಪ ನನ್ನನ್ನು ಪೇಟೆಯ ಸೌಂಡ್ ಅಂಗಡಿಗೆ ಕೊಟ್ಟುಬಿಟ್ಟ. ಹೋಗುವಾಗ ನನ್ನ ಕಡೆ ತಿರುಗಿಯೂ ನೋಡಲಿಲ್ಲ. ಅಲ್ಲಿ ಮಾತಾಡುವವರೇ ಇರಲಿಲ್ಲ. ಒಂದು ಪೆನ್‌ಡ್ರೈವ್ ಸಿಕ್ಕಿಸಿದರೆ ಸಾಕು, ನಾನು ಇಡೀ ದಿನ ಒದರಬೇಕು.

ಐದು ವರ್ಷ ಕಳೆದು ಮತ್ತೆ ಚುನಾವಣೆ ಬಂತು. ಪಂಚಾಕ್ಷರಪ್ಪ ಮತ್ತೆ ನಿಂತ, ಕುಂಬಾರಗೇರಿಗೆ ದನಿ ಕೊಡು ಎಂದು ಗುಡ್ಡಪ್ಪನಿಗೆ ಹೇಳಿಕಳಿಸಿದ. ಗುಡ್ಡಪ್ಪ ಬರುವುದಿಲ್ಲ ಎಂದ. "ಅವ ಬರದಿದ್ರೇನು, ಹಳೇದು ಐತಲ್ಲ," ಎಂದು ಪಂಚಾಕ್ಷರಪ್ಪ ನಕ್ಕ.

ನನ್ನನ್ನು ಆಟೋಗೆ ಕಟ್ಟಿದರು. ಕಂಬಗಳಿರುವ ಕಡೆ ಆಟೋ ದಾಟದ್ದರಿಂದ ಹಳ್ಳದ ಆಚೆಯಿಂದಲೇ ಗೇರಿಯ ಕಡೆಗೆ ನನ್ನ ಬಾಯಿ ತಿರುಗಿಸಿ ರೆಕಾರ್ಡ್ ಹಾಕಿದರು. "ಕುಂಬಾರಗೇರಿಯ ಮತದಾರ ಬಂಧುಗಳೇ..." ನನ್ನ ಗಂಟಲಿನಿಂದ ಗುಡ್ಡಪ್ಪನ ದನಿ ಬಂತು. ಚಿಕ್ಕ ವಯಸ್ಸಿನ, ಸೊಗಸಾದ ದನಿ. ಬಾಗಿಲುಗಳು ತೆರೆದವು. ಗುಡ್ಡಪ್ಪ ಊಟದ ಎಂಜಲು ಕೈಯಲ್ಲೇ ಹೊರಗೆ ಓಡಿಬಂದ. "ನಾನಲ್ಲ! ಅದು ಹಳೇದು! ನಾನು ಹೇಳ್ತಿಲ್ಲ!" ಎಂದು ಕೂಗಿದ. ನೋಡಿ, ಅವತ್ತು ಅವನ ಬಾಯಿಗೆ 'ನಾನು' ಬಂತು. ಯಾರಿಗೂ ಕೇಳಿಸಲಿಲ್ಲ. ಬರಿ ಗಂಟಲು ಅವನದು, ಎದುರಿಗೆ ನಾನು. ಆಟೋದವನು ಇನ್ನಷ್ಟು ದನಿ ಏರಿಸಿದ.

ಫಕೀರವ್ವ ಮನೆಯ ಮುಂದೆ ನಿಂತಿದ್ದಳು. ಅವಳಿಗೆ ಕಂಡದ್ದು ಇಷ್ಟು: ಗುಡ್ಡಪ್ಪ ಕೈ ಎತ್ತಿ ಬಾಯಿ ಆಡಿಸುತ್ತಿದ್ದಾನೆ, ಗುಡ್ಡಪ್ಪನ ದನಿ ಸೇತುವೆ ಕಟ್ಟಿಸಿಕೊಡುತ್ತಾರೆ ಎನ್ನುತ್ತಿದೆ. ಒಂದು ಗಳಿಗೆ ನೋಡಿದಳು. ಥೂ ಎಂದು ಉಗಿದು ಒಳಗೆ ಹೋಗಿ ಬಾಗಿಲು ಹಾಕಿಕೊಂಡಳು.

ನಿಲ್ಲಿಸಬೇಕೆಂದು ನನಗೆ ಎಷ್ಟು ಅನ್ನಿಸಿತು ಗೊತ್ತೇ? ನನ್ನ ಬಾಯಿ ಮುಚ್ಚುವುದಿಲ್ಲ. ಮುಚ್ಚದ ಹಾಗೆಯೇ ಮಾಡಿದ್ದಾರೆ.

ಈಗ ಗುಜರಿ ಅಂಗಡಿಯ ಹಿಂದೆ, ಒಡೆದ ಬಕೆಟ್ಟುಗಳ ನಡುವೆ ಬಿದ್ದಿದ್ದೇನೆ. ಬಾಯಂಚು ನೆಗ್ಗಿದೆ, ಗಂಟಲು ಸುಟ್ಟಿದೆ. ಇವತ್ತೋ ನಾಳೆಯೋ ಕರಗಿಸುತ್ತಾರೆ, ಕರಗಿಸಲಿ. ಗುಡ್ಡಪ್ಪ ಯಾರ ಜೊತೆಗೂ ಮಾತಾಡುವುದಿಲ್ಲವಂತೆ. ಹಾಲವ್ವ ಕುಂಟುತ್ತಲೇ ಕಂಬ ದಾಟುತ್ತಾಳಂತೆ. ಆ ರೆಕಾರ್ಡು ಪೇಟೆಯ ಅಂಗಡಿಯಲ್ಲಿ ಭದ್ರವಾಗಿದೆ. ಗುಡ್ಡಪ್ಪ ಇರಲಿ, ಇಲ್ಲದಿರಲಿ, ಮುಂದಿನ ಚುನಾವಣೆಯಲ್ಲೂ ಕುಂಬಾರಗೇರಿಗೆ ಸೇತುವೆ ಕಟ್ಟಿಸುವ ಮಾತು ಅವನೇ ಕೊಡುತ್ತಾನೆ.