ಎಲ್ಲಾದ್ರೂ ಸರಿ, ಕೋಚ್

ಲಿಂಡ್ಸೆ ಹ್ಯಾರೊಪ್‌ನನ್ನು ವಾಲ್ರೂಕ್ ಊರಿನಲ್ಲಿ ಯಾರೂ ಲಿಂಡ್ಸೆ ಎಂದು ಕರೆಯುವುದಿಲ್ಲ. ಸ್ಪ್ಯಾನರ್ ಎನ್ನುತ್ತಾರೆ. ಯಾವ ಅಳತೆಯ ನಟ್ಟಿಗೂ ತಿರುಪಿ ಕೂರಿಸಬಹುದಲ್ಲ, ಆ ಸ್ಕ್ರೂ ಸ್ಪ್ಯಾನರ್. ಹೆಸರಿಟ್ಟವರು ಊರಿನ ಫುಟ್‌ಬಾಲ್ ತಂಡದ ಕೋಚ್ ಕೀತ್ ಡ್ರಮಂಡ್. ಆಗಿನ್ನೂ ಮೀಸೆ ಚಿಗುರುತ್ತಿದ್ದ ಹುಡುಗನಿಗೆ ಅದೊಂದು ಬಿರುದಿನ ಹಾಗೆ ಕೇಳಿಸಿತ್ತು, ಪೆದ್ದ! ಸ್ಪ್ಯಾನರ್ ಎಲ್ಲರಿಗೂ ಬೇಕು, ಕೆಲಸ ಮುಗಿದ ಮೇಲೆ ಅದನ್ನು ಎಲ್ಲಿಟ್ಟೆವೆಂದು ಯಾರಿಗೂ ನೆನಪಿರುವುದಿಲ್ಲ ಎಂದು ಅವನಿಗೆ ಯಾರಾದರೂ ಆಗಲೇ ಹೇಳಬೇಕಿತ್ತು.

ಆ ಭಾನುವಾರ ಕ್ಲಬ್ಬಿಗೆ ನೂರು ತುಂಬಿದ ಔತಣ. ಈ ನೂರು ವರ್ಷಗಳಲ್ಲಿ ವಾಲ್ರೂಕ್‌ಗಾಗಿ ಆಡಿದವರಲ್ಲೇ ಒಳ್ಳೊಳ್ಳೆಯವರನ್ನು ಆರಿಸಿ, ಶತಮಾನದ ತಂಡ ಅಂತ ಮಾಡಿ, ಹೆಸರುಗಳನ್ನು ಚಿನ್ನದ ಬಣ್ಣದಲ್ಲಿ ಬೋರ್ಡಿಗೆ ಬರೆಸಿದ್ದರು. ಮಧ್ಯಾಹ್ನದ ಊಟವಾದ ಮೇಲೆ ಅದನ್ನು ಓದುವುದೆಂದು ಗೊತ್ತಾಗಿತ್ತು.

ಬೆಳಿಗ್ಗೆಯಿಂದ ಲಿಂಡ್ಸೆಗೆ ನಿಂತಲ್ಲಿ ನಿಲ್ಲಲಾಗಲಿಲ್ಲ. ಒಮ್ಮೆ ಕ್ಷೌರ ಮಾಡಿಕೊಂಡವನು ಮತ್ತೆ ಕನ್ನಡಿಯ ಮುಂದೆ ನಿಂತು ಗದ್ದಕ್ಕೆ ಸೋಪು ಬಳಿದುಕೊಂಡ.

"ಇನ್ನೂ ಕೆರೆದ್ರೆ ಚರ್ಮಾನೇ ಬರುತ್ತೆ ಅಷ್ಟೆ," ಎಂದಳು ಅವನ ಹೆಂಡತಿ ನೊರೀನ್. "ಹುಡುಗಿ ನೋಡೋಕೆ ಹೊರಟಿದ್ದೀಯೇನು?"

"ಸುಮ್ನಿರೆ. ಹೆಸರು ಕೂಗಿದ್ರೆ ಎದ್ದು ನಿಲ್ಬೇಕಲ್ಲ."

"ಕೂಗಿದ್ರೆ ಅಂತೆ! ಕೂಗದೇ ಏನು ಮಾಡ್ತಾರೆ? ನೀನು ಆಡದೇ ಇರೋ ಜಾಗ ಆ ಮೈದಾನದಲ್ಲಿ ಯಾವುದಿದೆ ಹೇಳು. ಟಿಕೆಟ್ ಕೊಡೋ ಗೂಡು ಒಂದನ್ನ ಬಿಟ್ಟು."

ಅವನ ಚಿಂತೆಯೂ ಅದೇ ಆಗಿತ್ತು. ಹೆಸರು ಕೂಗುತ್ತಾರೆ, ಸರಿ. ಎಲ್ಲಿ? ಅವನಿಗೆ ಬೇಕಾಗಿದ್ದದ್ದು ಹೆಸರಲ್ಲ, ಹೆಸರಿನ ಪಕ್ಕದಲ್ಲಿ ಒಂದು ಜಾಗ. ಇದು ಲಿಂಡ್ಸೆಯದು, ಇಲ್ಲಿ ಅವನನ್ನು ಬಿಟ್ಟರೆ ಇನ್ನೊಬ್ಬನಿಲ್ಲ ಎಂದು ಯಾರಾದರೂ ಗಟ್ಟಿಯಾಗಿ ಹೇಳುವುದನ್ನು ಸಾಯುವ ಮೊದಲು ಒಂದು ಸಲ ಕೇಳಬೇಕು. ಎಂಬತ್ತರ ಹತ್ತಿರ ಬಂದವನಿಗೆ ಇಷ್ಟು ಆಸೆ ಇದ್ದರೆ ತಪ್ಪೇನು?

ಯಾವ ಜಾಗವೆಂಬುದೂ ಅವನಿಗೆ ಗೊತ್ತಿತ್ತು. ಮುಂಚೂಣಿಯ ನಡುಜಾಗ. ಚೆಂಡನ್ನು ಕೈಯಲ್ಲೂ ಹಿಡಿಯುವ ನಮ್ಮ ಕಡೆಯ ಫುಟ್‌ಬಾಲ್ ನೋಡಿದವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ದೂರದಿಂದ ಒದ್ದ ಚೆಂಡು ಆಕಾಶದಿಂದ ಇಳಿಯುವುದು ಅಲ್ಲಿಗೇ. ಅಲ್ಲಿ ನಿಂತವನು ಎದುರಾಳಿಯ ಹೆಗಲ ಮೇಲೆ ಮಂಡಿಯೂರಿ ಎಗರಬೇಕು, ಚೆಂಡನ್ನು ಗಾಳಿಯಲ್ಲೇ ಬಾಚಿಕೊಳ್ಳಬೇಕು, ಇಳಿದು ಗೋಲಿಗೆ ಒದೆಯಬೇಕು. ಮೈದಾನದ ಸುತ್ತ ಕಾರಿನಲ್ಲಿ ಕೂತವರೆಲ್ಲ ಆಗ ಒಟ್ಟಿಗೆ ಹಾರ್ನ್ ಬಾರಿಸುತ್ತಾರೆ.

ಆ ಜಾಗ ತನ್ನದೇ ಎನ್ನುವ ಹಾಗೆ ಅವನಿಗೆ ಒಂದು ಸಲ ಸಿಕ್ಕಿತ್ತು. ಊರಿನಲ್ಲಲ್ಲ, ಮೆಲ್ಬರ್ನಿನಲ್ಲಿ.

ವಾಲ್ರೂಕ್ ತಂಡದಲ್ಲಿ ಆಡುತ್ತಿದ್ದ ಲಿಂಡ್ಸೆ ಮತ್ತು ರಾನ್ ಟ್ರೆವಿನ್ ಇಬ್ಬರನ್ನೂ ಪಟ್ಟಣದ ದೊಡ್ಡ ಕ್ಲಬ್ಬೊಂದು ಒಟ್ಟಿಗೇ ಕರೆಸಿಕೊಂಡಿತ್ತು. ಇಬ್ಬರದೂ ಅಕ್ಕಪಕ್ಕದ ಗೋಧಿ ಹೊಲ, ಒಂದೇ ಬೆಂಚಿನಲ್ಲಿ ಕೂತು ಕಲಿತವರು. ರಾನ್ ಎತ್ತರದವನು, ಚೆಂದದವನು, ಚೆಂಡು ಹಿಡಿಯುವುದೊಂದನ್ನು ಬಿಟ್ಟು ಬೇರೇನೂ ಬಾರದವನು. ಹಿಂದಕ್ಕೆ ಹಾಕಿದರೆ ದಾರಿ ತಪ್ಪಿದ ಕುರಿಯಂತೆ ನಿಲ್ಲುತ್ತಿದ್ದ. ಲಿಂಡ್ಸೆ ಹಾಗಲ್ಲ. ಹಿಂದೆ ಕಾಯುತ್ತಿದ್ದ, ನಡುವೆ ಓಡುತ್ತಿದ್ದ, ಮುಂದೆ ಗೋಲು ಹೊಡೆಯುತ್ತಿದ್ದ, ಎರಡೂ ಕಾಲಲ್ಲಿ ಒದೆಯುತ್ತಿದ್ದ. ಎಲ್ಲಿ ಆಡುತ್ತೀಯಾ ಎಂದು ಯಾರಾದರೂ ಕೇಳಿದರೆ ಅವನ ಬಾಯಿಂದ ಬರುತ್ತಿದ್ದದ್ದು ಒಂದೇ ಮಾತು: "ಎಲ್ಲಾದ್ರೂ ಸರಿ, ಕೋಚ್."

ಆ ವರ್ಷದ ಸೆಮಿಫೈನಲ್ಲಿಗೆ ಮುಂಚೂಣಿಯ ನಡುವಿನವನಿಗೆ ಜ್ವರ ಬಂತು. ಅಲ್ಲಿಗೆ ಲಿಂಡ್ಸೆಯನ್ನು ಹಾಕಿದರು. ಅಯ್ಯೋ, ಆ ದಿನ! ಮೊದಲರ್ಧದಲ್ಲಿ ಅವನು ಮುಟ್ಟಿದ್ದೆಲ್ಲ ಗೋಲು. ನೋಡಲು ಬಂದ ಸಾವಿರಾರು ಜನ ಅವನ ಹೆಸರು ಹಿಡಿದು ಅರಚುತ್ತಿದ್ದರು. ರಾನ್ ಆ ಹೊತ್ತು ಮೈದಾನದ ಅಂಚಿನಲ್ಲಿ ಕೂತಿದ್ದ, ಹತ್ತೊಂಬತ್ತನೆಯವನಾಗಿ. ಆಗೆಲ್ಲ ಹದಿನೆಂಟು ಜನ ಆಡಿದರೆ ಹತ್ತೊಂಬತ್ತನೆಯವನು ಯಾರಾದರೂ ಗಾಯಗೊಳ್ಳುವ ತನಕ ಡ್ರೆಸ್ಸಿಂಗ್ ಗೌನ್ ಹೊದ್ದು ಈಗಷ್ಟೇ ಹಾಸಿಗೆಯಿಂದ ಎದ್ದವನ ಹಾಗೆ ಬೆಂಚಿನ ಮೇಲೆ ಕೂತಿರಬೇಕಿತ್ತು.

ಅರ್ಧ ಆಟ ಮುಗಿಯುವಾಗ ಗೋಲು ಕಾಯುವ ಫುಲ್‌ಬ್ಯಾಕ್‌ನ ಮಂಡಿ ಹೋಯಿತು. ಆಟಗಾರರು ಕಿತ್ತಳೆ ಹೋಳು ಚೀಪುತ್ತಿದ್ದರು. ಮೆಲ್ಬರ್ನಿನ ಕೋಚ್ ರಾನ್‌ನ ಮುಖ ನೋಡಿದ, ಅವನನ್ನು ಹಿಂದೆ ಹಾಕಿದರೆ ಕೆಟ್ಟೆ ಎಂದು ಗೊತ್ತಾಯಿತು. ಲಿಂಡ್ಸೆಯ ಕಡೆ ತಿರುಗಿದ.

"ಲಿಂಡ್ಸೆ, ನೀನು ಹಿಂದೆ ಹೋಗ್ತೀಯೇನಪ್ಪಾ? ರಾನ್ ನಿನ್ನ ಜಾಗಕ್ಕೆ ಬರ್ಲಿ. ನಿಂಗೆ ಬೇಜಾರಿಲ್ಲ ತಾನೆ?"

ಬೇಜಾರಿದೆ ಎನ್ನಬಹುದಿತ್ತು. ಇಲ್ಲಿ ಇನ್ನೊಂದು ಗಂಟೆ ಬಿಡಿ, ಆಮೇಲೆ ಸಾಯುವ ತನಕ ಎಲ್ಲಿ ಬೇಕಾದರೂ ಹಾಕಿ ಎನ್ನಬಹುದಿತ್ತು. ಕೋಚ್ ಕೇಳಿದ್ದು ನಿಜವಾಗಿ ಕೇಳುವ ದನಿಯಲ್ಲೇ. ಆದರೆ ಲಿಂಡ್ಸೆಯ ನಾಲಿಗೆಗೆ ಅಭ್ಯಾಸವಾದ ಮಾತು ಬೇರೆ ಇತ್ತಲ್ಲ.

"ಎಲ್ಲಾದ್ರೂ ಸರಿ, ಕೋಚ್."

ರಾನ್ ಗೌನ್ ಕಿತ್ತೆಸೆದು ಓಡಿದ. ಆಟ ಮುಗಿಯುವ ಮುನ್ನ ಅವನು ಇಬ್ಬರ ಹೆಗಲ ಮೇಲೆ ಹತ್ತಿ ಹಿಡಿದ ಒಂದು ಚೆಂಡಿನ ಫೋಟೊ ಮರುದಿನ ಎಲ್ಲ ಪೇಪರುಗಳಲ್ಲೂ ಬಂತು. ಆಮೇಲೆ ಆ ಜಾಗದಿಂದ ಅವನನ್ನು ಕದಲಿಸಿದವರಿಲ್ಲ. ನಿವೃತ್ತನಾಗುವ ತನಕ ಅವನು ಅಲ್ಲೇ ನಿಂತ, ಹೆಸರು ಮಾಡಿದ, ದೇಶವೆಲ್ಲ ಓಡಾಡಿದ. ಲಿಂಡ್ಸೆ ಒಂದು ವಾರ ಹಿಂದಿನ ಸಾಲಿನಲ್ಲಿ, ಒಂದು ವಾರ ಮುಂದಿನ ಸಾಲಿನಲ್ಲಿ, ಆಮೇಲೆ ಅದೇ ಗೌನ್ ಹೊದ್ದು ಬೆಂಚಿನ ಮೇಲೆ. ಕೊನೆಗೊಂದು ದಿನ ಅದೇ ಕೋಚ್ ಅವನನ್ನು ಕೋಣೆಗೆ ಕರೆದು, "ನಿಂಗೇ ಅಂತ ಒಂದು ಜಾಗ ಇಲ್ವಲ್ಲ ಮಾರಾಯಾ, ಏನು ಮಾಡ್ಲಿ?" ಎಂದು ಕೈ ಕುಲುಕಿ ಕಳಿಸಿಕೊಟ್ಟ. ಆ ಮಾತು ಕೇಳಿ ನಗಬೇಕೋ ಅಳಬೇಕೋ ತಿಳಿಯದೆ ಲಿಂಡ್ಸೆ ಊರಿನ ರೈಲು ಹತ್ತಿದ.

ಊರಿಗೆ ಬಂದವನನ್ನು ಕೀತ್ ತಬ್ಬಿಕೊಂಡು, "ಬಂದ್ಯಾ ಸ್ಪ್ಯಾನರ್, ಶನಿವಾರ ಎಲ್ಲಿ ಆಡ್ತೀಯ?" ಎಂದರು. ಇವನು ಏನಂದನೆಂದು ಬೇರೆ ಹೇಳಬೇಕೆ? ತಲೆಗೂದಲು ಉದುರುವ ತನಕ ವಾಲ್ರೂಕ್‌ಗಾಗಿ ಆಡಿದ. ಯಾರಿಗೆ ಪೆಟ್ಟಾದರೆ ಅವರ ಜಾಗ, ಯಾರಿಗೆ ಮದುವೆಯಾದರೆ ಅವರ ಜಾಗ, ಯಾರಿಗೆ ಬಿತ್ತನೆ ಮುಗಿದಿಲ್ಲವೋ ಅವರ ಜಾಗ.

ರಾನ್ ಸಾಯುವ ಮುಂಚೆ, ಆಸ್ಪತ್ರೆಯಲ್ಲಿ, ಮೂಗಿಗೆ ಕೊಳವೆ ಹಾಕಿಸಿಕೊಂಡು ಮಲಗಿದ್ದಾಗ ಕೇಳಿದ್ದ: "ಲೇ, ಅವತ್ತು ಆ ಜಾಗ ನಿಂದು ಕಣೋ. ನೀನ್ಯಾಕೆ ಆಗಲ್ಲ ಅನ್ಲಿಲ್ಲ?"

"ತಂಡ ಗೆಲ್ತಲ್ಲ ಬಿಡೋ."

"ತಂಡದ ಮನೆ ಹಾಳಾಗ! ನಾನು ನಿನ್ನನ್ನ ಕೇಳ್ತಿರೋದು. ನೀನು ಒಂದು ಮಾತು ಅಂದಿದ್ರೆ ನಾನು ಆ ಗೌನ್ ಬಿಚ್ತಾನೇ ಇರ್ಲಿಲ್ಲ."

ಲಿಂಡ್ಸೆ ಅವನಿಗೆಂದು ತಂದಿದ್ದ ದ್ರಾಕ್ಷಿಯನ್ನು ತಾನೇ ತಿಂದು ಮುಗಿಸಿ ಮನೆಗೆ ಬಂದಿದ್ದ.

ಔತಣಕ್ಕೆ ಊರಿಗೆ ಊರೇ ಬಂದಿತ್ತು. ಹುರಿದ ಕುರಿಮಾಂಸ, ಪುದೀನ ಸಾಸು, ಬೀಟ್‌ರೂಟು, ಜಗ್ಗುಗಟ್ಟಲೆ ಬಿಯರು, ಕೊನೆಗೆ ಹೆಂಗಸರು ಮಾಡಿ ತಂದ, ಕೆನೆ ಹಣ್ಣು ಹಾಕಿದ ಪಾವ್ಲೋವಾ ಕೇಕು. ಬಾಗಿಲ ಪಕ್ಕದ ಗೋಡೆಯ ಮೇಲೆ ಬೋರ್ಡು, ಅದಕ್ಕೆ ಕ್ಲಬ್ಬಿನ ಬಾವುಟ ಹೊದಿಸಿದ್ದರು. ರಾನ್‌ನ ಹೆಂಡತಿ ಶರ್ಲಿ ಅದರ ಎದುರಿನ ಮೇಜಿನಲ್ಲಿ ಒಬ್ಬಳೇ ಕೂತಿದ್ದಳು. ತೊಂಬತ್ತು ದಾಟಿದ ಕೀತ್ ಊರುಗೋಲಿನ ಮೇಲೆ ಭಾರ ಹಾಕಿ ಮೈಕಿನ ಮುಂದೆ ನಿಂತರು. ತಂಡ ಆರಿಸಿದ್ದು ಅವರೂ, ಒಬ್ಬೊಬ್ಬರು ಒಂದೊಂದು ಸಾಲು ಹಂಚಿಕೊಂಡ ನಾಲ್ಕು ಜನ ಹಳೆಯ ಆಟಗಾರರೂ.

ಹಿಂದಿನ ಸಾಲಿನಿಂದ ಓದತೊಡಗಿದರು. ಮೊದಲ ಸಾಲಿನಲ್ಲಿ ಲಿಂಡ್ಸೆ ಇರಲಿಲ್ಲ. ಪಕ್ಕದವನು ಮೊಣಕೈಯಿಂದ ತಿವಿದು, "ನಿನ್ನನ್ನ ನಡುವೆ ಹಾಕಿರ್ತಾರೆ ಬಿಡು," ಎಂದ. ನಡುವಿನ ಸಾಲಿನಲ್ಲೂ ಇರಲಿಲ್ಲ. "ಓಹೋ, ಹಾಗಾದ್ರೆ ಮುಂದೆ!" ಲಿಂಡ್ಸೆ ಏಳಲು ಅನುಕೂಲವಾಗಲೆಂದು ಕುರ್ಚಿಯನ್ನು ಹಿಂದಕ್ಕೆ ಸರಿಸಿಕೊಂಡ. ಹುಚ್ಚು ಮುದುಕ, ಒಂದು ಗಳಿಗೆ ನಿಜವಾಗಿಯೂ ನಂಬಿಬಿಟ್ಟ.

"ಮುಂಚೂಣಿಯ ನಡುವೆ," ಎಂದು ಕೀತ್ ಕನ್ನಡಕ ಸರಿಮಾಡಿಕೊಂಡರು, "ಇನ್ಯಾರು? ರಾನ್ ಟ್ರೆವಿನ್."

ಸಭೆಯೆಲ್ಲ ಎದ್ದು ನಿಂತಿತು. ಶರ್ಲಿ ಕರವಸ್ತ್ರದಲ್ಲಿ ಮುಖ ಮುಚ್ಚಿಕೊಂಡಳು. ಎಲ್ಲರಿಗಿಂತ ಜೋರಾಗಿ ಚಪ್ಪಾಳೆ ತಟ್ಟಿದವನು ಲಿಂಡ್ಸೆ. ಅದರಲ್ಲಿ ಕಪಟವಿರಲಿಲ್ಲ.

ಮುಂದಿನ ಸಾಲು ಮುಗಿಯಿತು. ಬೆಂಚಿನ ಆಟಗಾರರ ಹೆಸರೂ ಮುಗಿಯಿತು. ಬಾವುಟ ಎಳೆದರು. ಕೀತ್ ಕಾಗದ ಮಡಚಿ ಜೇಬಿಗಿಟ್ಟರು. ಜನ ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಚಮಚದ ಸದ್ದೂ ಇಲ್ಲ. ಆ ಮೌನ ತನ್ನಿಂದಲೇ ಆದ ತಪ್ಪೇನೋ ಎಂಬಂತೆ ಲಿಂಡ್ಸೆ ಗಡಿಬಿಡಿಯಿಂದ ಮತ್ತೆ ಚಪ್ಪಾಳೆ ಶುರುಮಾಡಿದ. ನೊರೀನ್ ಅವನ ಕೈ ಹಿಡಿದು ಮೇಜಿನ ಮೇಲಿಟ್ಟು ಎದ್ದು ನಿಂತಳು.

"ಕೀತ್," ಎಂದಳು. "ನನ್ನ ಗಂಡ ಎಲ್ಲಿ?"

ಕೀತ್ ಕಾಗದ ಹೊರತೆಗೆದರು, ತಿರುಗಿಸಿ ನೋಡಿದರು. "ಹಿಂದಿನ ಸಾಲಲ್ಲಿ ಇದಾನಲ್ಲ. ಅಲ್ವೇನ್ರೋ?"

ಹಿಂದಿನ ಸಾಲು ಆರಿಸಿದವನ ಮುಖ ಬಿಳಿಚಿಕೊಂಡಿತು. "ನಾನು ಅವನನ್ನ ನಡುವೆ ಹಾಕಿರ್ತೀರ ಅಂದ್ಕೊಂಡೆ."

"ನಾನು ಮುಂದಿನ ಸಾಲಲ್ಲಿ ಇರ್ತಾನೆ ಅಂತ ಬಿಟ್ಟೆ," ಎಂದ ನಡುವಿನ ಸಾಲು ಆರಿಸಿದವನು.

ಮುಂದಿನ ಸಾಲು ಆರಿಸಿದವನು ಕೂತಲ್ಲಿಂದಲೇ ಬೋರ್ಡಿನ ಹೆಸರುಗಳನ್ನು ಬೆರಳಲ್ಲಿ ಎಣಿಸತೊಡಗಿದ. ಬೆಂಚಿನವರನ್ನು ಆರಿಸಿದವನು, "ಸ್ಪ್ಯಾನರ್‌ನ ಬೆಂಚ್ ಮೇಲೆ ಕೂರಿಸೋಕಾಗುತ್ತಾ? ಅವಮಾನ ಅಲ್ವಾ ಅಂತ ನಾನು..." ಎಂದು ಅರ್ಧಕ್ಕೇ ನಿಲ್ಲಿಸಿದ.

ಹೀಗಾಗಿತ್ತು. ಎಲ್ಲರೂ ಅವನಿದ್ದೇ ಇರುತ್ತಾನೆಂದುಕೊಂಡರು, ಬೇರೆ ಎಲ್ಲೋ. ಹಗೆಯಿಂದ ಬಿಟ್ಟಿದ್ದರೆ ಜಗಳವನ್ನಾದರೂ ಆಡಬಹುದಿತ್ತು. ಇದಕ್ಕೆ ಯಾರ ಕೊರಳಪಟ್ಟಿ ಹಿಡಿಯುವುದು?

ಕೀತ್ ಊರುಗೋಲು ಕುಟ್ಟುತ್ತ ಅವನ ಮೇಜಿನ ಬಳಿ ಬಂದರು. ಮುದುಕರ ಕಣ್ಣಲ್ಲಿ ನೀರಿತ್ತು.

"ನಂದು ತಪ್ಪಾಯ್ತು ಮಗಾ. ಬೋರ್ಡ್ ಅಳಿಸಿ ಬರೆಸ್ತೀನಿ. ಅಲ್ಲಿ ಯಾರ ಹೆಸರಿದ್ರೂ ಸರಿ, ಕೆಳಗಿಳಿಸ್ತೀನಿ. ಇಷ್ಟು ವರ್ಷ ನಾನೇ ನಿನ್ನನ್ನ ಅಲ್ಲಿ ಇಲ್ಲಿ ತಳ್ಳಿದ್ದು. ಇವತ್ತು ನೀನೇ ಹೇಳು. ನಿಂಗೆ ಎಲ್ಲಿ ಆಡೋ ಆಸೆ ಇತ್ತು?"

ಕೇಳಿಯೇಬಿಟ್ಟರು. ಒಂದು ಜನ್ಮ ಪೂರ್ತಿ ಕಾದ ಪ್ರಶ್ನೆ. ಇಡೀ ಸಭೆ ಅವನ ಬಾಯಿ ನೋಡುತ್ತಿತ್ತು. ನೊರೀನ್ ಕೂತು ಮೇಜಿನ ಕೆಳಗೆ ಅವನ ತೊಡೆ ಚಿವುಟಿದಳು, ಹೇಳು ಎಂದು. ಲಿಂಡ್ಸೆ ತಲೆಯೆತ್ತಿದ. ಶರ್ಲಿ ಬೋರ್ಡಿನ ಮುಂದೆ ಹೋಗಿ ನಿಂತಿದ್ದಳು. ತುದಿಗಾಲಲ್ಲಿ ನಿಂತು ರಾನ್‌ನ ಹೆಸರಿನ ಚಿನ್ನದ ಅಕ್ಷರಗಳ ಮೇಲೆ ಬೆರಳಾಡಿಸುತ್ತಿದ್ದಳು.

"ಎಲ್ಲಾದ್ರೂ ಸರಿ, ಕೋಚ್," ಎಂದ ಲಿಂಡ್ಸೆ.

ಎಲ್ಲರೂ ಉಸಿರು ಬಿಟ್ಟು ನಕ್ಕರು. "ನೋಡಿದ್ರಾ, ನಮ್ಮ ಸ್ಪ್ಯಾನರ್ ಅಂದ್ರೆ ಇದು!" ಯಾರೋ ಅವನ ಬೆನ್ನು ತಟ್ಟಿದರು, ಯಾರೋ ಗ್ಲಾಸು ತುಂಬಿಸಿದರು. ನೊರೀನ್ ಮಾತ್ರ ನಗಲಿಲ್ಲ.

ಮನೆಗೆ ಹೊರಟ ಕಾರು ಗೋಧಿ ತುಂಬಿಡುವ ಸೈಲೋ ಗೋಪುರಗಳನ್ನು ದಾಟಿತು. ಆಮೇಲೆ ಅವನೇ ಬಾಯಿ ಬಿಟ್ಟ.

"ಶರ್ಲಿ ಅಲ್ಲೇ ನಿಂತಿದ್ಲು. ಸತ್ತವನ ಹೆಸರನ್ನ ಹೆಂಡ್ತಿ ಎದುರಿಗೆ ಹೇಗೆ ತೆಗೆಸೋದು?"

"ಶರ್ಲಿ ಮೇಲೆ ಹಾಕ್ಬೇಡ," ಎಂದಳು ನೊರೀನ್. "ಅವಳು ಇವತ್ತು ಮನೇಲೇ ಇದ್ದಿದ್ರೂ ನೀನು ಅದನ್ನೇ ಹೇಳ್ತಿದ್ದೆ. ನಂಗೂ ಹಾಗೇ ಹೇಳಿದ್ಯಲ್ಲ, ಮದುವೆ ಯಾವ ಚರ್ಚಲ್ಲಿ ಅಂತ ಕೇಳಿದಾಗ." ಆಮೇಲೆ ದನಿ ತಗ್ಗಿಸಿ, "ಒಂದ್ಸಲ ನಿನ್ನ ಬಾಯಿಂದ ಕೇಳ್ಬೇಕು ಅಂತ ನಂಗಾದ್ರೂ ಆಸೆ ಇತ್ತು," ಎಂದಳು.

ಅವಳು ಹೇಳಿದ್ದು ನಿಜವೆಂದು ಅವನಿಗೆ ಗೊತ್ತಿತ್ತು. ಅಲ್ಲಿಂದ ಮನೆ ಮುಟ್ಟುವವರೆಗೆ ಅವನು ತನ್ನ ಮೇಲೆ ತಾನೇ ಸಿಟ್ಟಾದಷ್ಟು ಯಾರ ಮೇಲೂ ಯಾವತ್ತೂ ಆಗಿರಲಿಲ್ಲ.

ಊರಿನಲ್ಲಿ ಮುಂದಿನ ಪಂದ್ಯವಿದ್ದ ಶನಿವಾರ ಅವನು ಕ್ಲಬ್ಬಿಗೆ ಬೇಗ ಹೋದ. ಹೆಸರು ಬರೆಸಿದ್ದರು. ಬೋರ್ಡಿನಲ್ಲಿ ಖಾಲಿ ಜಾಗವಿರಲಿಲ್ಲವಾದ್ದರಿಂದ ಪೇಂಟರು ಬಲತುದಿಯ ಕೆಳಮೂಲೆಯಲ್ಲಿ ಬರೆದಿದ್ದ: ಎಲ್. ಹ್ಯಾರೊಪ್. ಅಕ್ಷರ ಮುದ್ದಾಗಿತ್ತು. ಪಕ್ಕದಲ್ಲಿ ಯಾವ ಜಾಗವೆಂದು ಬರೆದಿರಲಿಲ್ಲ. ಕ್ಲಬ್ಬಿನ ಬಾಗಿಲು ಒಳಗಡೆಗೆ ತೆರೆದುಕೊಳ್ಳುತ್ತದೆ, ತೆರೆದರೆ ಸರಿಯಾಗಿ ಆ ಮೂಲೆಗೆ ಬಂದು ಒರಗುತ್ತದೆ. ಪಂದ್ಯದ ದಿನ ಬಾಗಿಲು ಮುಚ್ಚಿಡುವ ಪದ್ಧತಿಯೇ ಇಲ್ಲ.

ಲಿಂಡ್ಸೆ ಆಚೆಯಿಂದ ಯಾರಾದರೂ ಬರುತ್ತಿದ್ದಾರೆಯೇ ಎಂದು ನೋಡಿ ಬಾಗಿಲನ್ನು ಎಳೆದು ಮುಚ್ಚಿದ. ಎರಡು ಹೆಜ್ಜೆ ಹಿಂದೆ ಸರಿದು ನಿಂತು ತನ್ನ ಹೆಸರನ್ನು ನೋಡಿದ. ಕನ್ನಡಕ ತೆಗೆದು ಒರೆಸಿಕೊಂಡು ಮತ್ತೊಮ್ಮೆ ನೋಡಿದ.

"ಯಾರ್ರೀ ಅದು ಬಾಗಿಲು ಹಾಕಿದ್ದು?" ಅಡುಗೆಮನೆಯಿಂದ ಒಬ್ಬ ಹೆಂಗಸು ಕೂಗಿದಳು. "ಒಳಗೆ ಎಣ್ಣೆ ಹೊಗೆ, ಉಸಿರು ಕಟ್ತಾ ಇದೆ! ಯಾರಾದ್ರೂ ಸ್ವಲ್ಪ ತೆಗೀರಿ!"

"ತಡಿಯಮ್ಮಾ, ತೆಗೆದೆ," ಎಂದ ಲಿಂಡ್ಸೆ. ಬಾಗಿಲನ್ನು ಪೂರ್ತಿ ತೆರೆದು ಗೋಡೆಗೆ ತಾಗಿಸಿ, ಗಾಳಿಗೆ ಮತ್ತೆ ಮುಚ್ಚಿಕೊಳ್ಳದಿರಲೆಂದು ಕೆಳಗೊಂದು ಇಟ್ಟಿಗೆಯನ್ನೂ ಇಟ್ಟ.