ಉಪವಾಸದ ಹೊಲ

ಹಸಿದವರ ಹೊಟ್ಟೆ ತುಂಬಿಸುವುದು ನನ್ನ ಕಸುಬು. ಸಭೆಗಳಲ್ಲಿ ನನ್ನನ್ನು ಪರಿಚಯ ಮಾಡಿಕೊಡುವವರು ಹಾಗೆ ಹೇಳುತ್ತಾರೆ. ನಿಜ ಹೇಳಬೇಕೆಂದರೆ ನಾನು ಮಣ್ಣು ಅಗೆದು, ಜರಡಿ ಹಿಡಿದು, ಒಣಗಿಸಿ ತೂಗುವವಳು. ಅಡುಗೆ ಮಾತ್ರ ಬರುವುದಿಲ್ಲ. ಕುಂದಗೋಳದ ನನ್ನ ಬಾಡಿಗೆ ಮನೆಯಲ್ಲಿ ಮಣ್ಣಿನ ಡಬ್ಬಿಗಳಿಗೆ ಇರುವಷ್ಟು ಜಾಗ ಹಿಟ್ಟಿನ ಡಬ್ಬಿಗಿಲ್ಲ.

ಯರಗುಪ್ಪಿಯ ಹೊರಗೆ ಎರೆ ಮಣ್ಣಿನ ಹೊಲವೊಂದನ್ನು ಹಿಡಿದು, ಉದ್ದುದ್ದ ಪಟ್ಟಿಗಳಾಗಿ ಸೀಳಿ, ತಲೆ ಕಪ್ಪಗಿದ್ದಾಗ ಪ್ರಯೋಗ ಶುರು ಮಾಡಿದ್ದೆ. ಒಂದು ಪಟ್ಟಿಗೆ ತಿಪ್ಪೆಗೊಬ್ಬರ, ಇನ್ನೊಂದಕ್ಕೆ ಚೀಲದ ಗೊಬ್ಬರ, ಮತ್ತೊಂದಕ್ಕೆ ಎರಡೂ. ಕೊನೆಯದಕ್ಕೆ ಏನೇನೂ ಇಲ್ಲ. ಆ ಬರಿ ಪಟ್ಟಿ ಇಲ್ಲದಿದ್ದರೆ ಉಳಿದವುಗಳ ಹೆಚ್ಚುಗಾರಿಕೆ ಅಳೆಯುವುದು ಯಾವುದರಿಂದ? ಊರವರಿಗೆ ಇದು ಹಿಡಿಸಲಿಲ್ಲ. ಹಸಿವು ಓಡಿಸಲು ಹೊರಟವಳು ಭೂಮಿತಾಯಿಯನ್ನೇ ಉಪವಾಸ ಕೆಡವಿದ್ದಾಳೆ ಎಂದು ನಕ್ಕರು. ಅದಕ್ಕೆ ಉಪಾಸದ ಹೊಲ ಎಂದೇ ಹೆಸರು ಬಿತ್ತು.

ಹೊಲ ಕಾಯುವವಳು ಫಕೀರವ್ವ. ಬಾಜೂ ಹೊಲದವಳು, ಒಂದಿಷ್ಟು ಕುರಿ ಸಾಕಿಕೊಂಡಿದ್ದಾಳೆ. ನಾನು ಹೊಲಕ್ಕೆ ಹೋದ ದಿನವೆಲ್ಲ ಮಧ್ಯಾಹ್ನ ಬುತ್ತಿ ಹಿಡಿದು ಬಂದು ಕೇಳುತ್ತಾಳೆ. "ಬಾಯಾರ, ಊಟ ಆತೇನ್ರಿ?"

"ಆತು" ಎನ್ನುತ್ತೇನೆ. ಆಗಿರುವುದಿಲ್ಲ. ಚೀಲದಲ್ಲಿ ಬಿಸ್ಕಿಟ್ ಇರುತ್ತದೆ. ಇಲ್ಲ ಎಂದರೆ ಅವಳು ಬುತ್ತಿ ಬಿಚ್ಚುತ್ತಾಳೆ, ಎದುರು ಕೂರಿಸಿಕೊಳ್ಳುತ್ತಾಳೆ, ಮನೆಯಲ್ಲಿ ಯಾರ್ಯಾರಿದ್ದಾರೆ ಎಂದು ಕೇಳುತ್ತಾಳೆ. ಯಾರೂ ಇಲ್ಲ ಎಂದು ಬಾಯಿ ಬಿಟ್ಟು ಹೇಳುವುದು ನನಗೆ ಇಂದಿಗೂ ಕಷ್ಟ. ಅದಕ್ಕಿಂತ ಬಿಸ್ಕಿಟ್ ವಾಸಿ.

ಬರಿ ಪಟ್ಟಿಯ ಜೋಳ ಮೊದಮೊದಲು ವರ್ಷ ವರ್ಷಕ್ಕೂ ಇಳಿಯಿತು. ಆಮೇಲೊಂದು ವರ್ಷ ಇಳಿಯುವುದು ನಿಂತಿತು. ಮುಂದೆಯೂ ಅಷ್ಟರಲ್ಲೇ ನಿಂತಿತು. ನಾನು ಕುಣಿದಾಡಿದೆ. ಎರೆ ಭೂಮಿ ಒಂದು ಮಟ್ಟದಿಂದ ಕೆಳಗೆ ಬೀಳುವುದಿಲ್ಲ, ತನ್ನನ್ನು ತಾನು ತಡೆದುಕೊಳ್ಳುತ್ತದೆ ಎಂದು ಬರೆದೆ. ನನ್ನ ಹೆಸರು ನಾಲ್ಕು ಜನರಿಗೆ ಗೊತ್ತಿದ್ದರೆ ಅದು ಈ ಒಂದು ಮಾತಿನಿಂದ. ಬೇಸಿಗೆ ಬಂದರೆ ಇಥಿಯೋಪಿಯಾಕ್ಕೆ ಹೋಗುತ್ತಿದ್ದೆ. ಅಲ್ಲಿಯೂ ಇಂಥದೇ ಕರಿ ನೆಲ, ಬಿರುಕು ಬಿಟ್ಟರೆ ಕಾಲು ಸಿಕ್ಕಿಕೊಳ್ಳುವಂಥದು. ಸೌದೆ ಇಲ್ಲದ ಸೀಮೆ ಅದು; ಸಗಣಿಯೇ ಒಲೆಗೆ. ಸಗಣಿ ಉರಿಸಿಕೊಳ್ಳಲಿ, ನೆಲ ತಡೆಯುತ್ತದೆ ಎಂದು ನಾನು ಹೇಳಿದೆ. ನನ್ನ ಮಾತಿನ ಮೇಲೆ ಒಂದು ಯೋಜನೆಯೇ ನಡೆಯಿತು.

ಈ ಬೇಸಿಗೆಯಲ್ಲಿ ಮೊಣಕಾಲು ಕೈಕೊಟ್ಟಿತು. ಹೋಗಲಾಗಲಿಲ್ಲ. ಮನೆಯಲ್ಲಿ ಗೋಡೆ ನೋಡಿ ಬೇಸತ್ತು, ಒಂದು ಬೆಳಗ್ಗೆ ಬಿಸಿಲೇರುವ ಮೊದಲು ಯರಗುಪ್ಪಿಗೆ ಹೋದೆ. ಬರಿ ಪಟ್ಟಿಯ ಸುತ್ತ ಬಲೆ ಕಟ್ಟಿತ್ತು. ಒಳಗೆ ಕುರಿಗಳು. ರಾತ್ರಿಯೆಲ್ಲ ಅಲ್ಲೇ ಮಲಗಿದ್ದವು. ನೆಲದ ತುಂಬ ಹಿಕ್ಕೆ. ಊರವರು ಜೋಳ ಕೊಟ್ಟು ತಮ್ಮ ಹೊಲದಲ್ಲಿ ಕುರಿ ನಿಲ್ಲಿಸಿಕೊಳ್ಳುವುದು ಇದಕ್ಕೇ. ಇದಕ್ಕಿಂತ ಒಳ್ಳೆಯ ಗೊಬ್ಬರವಿಲ್ಲ.

"ಏನಿದು, ಫಕೀರವ್ವ?"

"ಕುರಿ ರೀ."

"ಕುರಿ ಅನ್ನೂದು ನನಗೂ ಕಾಣಸ್ತದ. ಇಲ್ಲ್ಯಾಕ ಅದಾವು?"

"ವರ್ಷಾ ನಿಲ್ಲಸ್ತೀನಲ್ರೀ, ನೀವು ಪರದೇಶಕ್ಕ ಹ್ವಾದ ಮ್ಯಾಲೆ. ನೀವು ಬರೂದ್ರಾಗ ಹರಗಿ ಮುಗದಿರ್ತದ. ಒಂದ ವರ್ಷ ಜ್ವಾಳ ಅಗದಿ ಸೊರಗಿತ್ತು ನೋಡ್ರಿ, ತೆನಿ ಬೆರಳಷ್ಟ ಆಗಿದ್ವು. ಅವಾಗಿಂದ."

ಆ ವರ್ಷ ಯಾವುದೆಂದು ನನಗೆ ಚೆನ್ನಾಗಿ ಗೊತ್ತಿತ್ತು. ಅದರ ಮರುವರ್ಷವೇ ಇಳಿಯುವುದು ನಿಂತದ್ದು. ಬದುವಿನ ಮೇಲೆ ಕೂತುಬಿಟ್ಟೆ.

"ಏನೂ ಹಾಕಬ್ಯಾಡ ಅಂತ ಬಡಕೊಂಡಿದ್ದೆನಲ್ಲ!"

"ನಾ ಎಲ್ಲಿ ಹಾಕೀನ್ರಿ? ಕುರಿ ಮಲಗಿದ್ವು, ಎದ್ದ ಹ್ವಾದ್ವು."

ನಾನು ಕೂಗಾಡಿದೆ. ನನ್ನ ಬದುಕಿನ ಕೆಲಸವನ್ನೆಲ್ಲ ಮಣ್ಣುಪಾಲು ಮಾಡಿದೆ ಎಂದೆ. ಅವಳು ತಲೆ ತಗ್ಗಿಸಿ ಕೇಳಿದಳು. ನನ್ನ ಕೂಗಾಟ ಮುಗಿದ ಮೇಲೆ ಮೆಲ್ಲಗೆ ಹೇಳಿದಳು.

"ಉಣ್ಣಾಕ ಕರದ್ರ ನೀವು ಬರಂಗಿಲ್ರಿ. ದಿನಾ ಆತು ಅಂತೀರಿ. ತುಟಿ ಒಣಗಿರ್ತಾವು, ನಮಗ ತಿಳಿಯಂಗಿಲ್ಲೇನ್ರಿ? ನಿಮಗಂತೂ ಉಣಸಾಕ ಆಗಲಿಲ್ಲ. ನಿಮ್ಮ ಹೊಲಕ್ಕರ ಉಣಸೂಣು ಅಂದ್ನಿ."

ಎದ್ದು ಬಂದೆ.

ಮನೆಗೆ ಬಂದು ಬಾಗಿಲು ಹಾಕಿಕೊಂಡೆ. ಕುರಿ ನಿಂತದ್ದು ನನಗೆ ಗೊತ್ತು, ಫಕೀರವ್ವನಿಗೆ ಗೊತ್ತು. ಸುಮ್ಮನಿದ್ದರೆ ಮೂರನೆಯವರಿಗೆ ತಿಳಿಯುವ ಸಂಭವವೇ ಇಲ್ಲ. ನಿವೃತ್ತಿ ಹತ್ತಿರ ಬಂದಿದೆ. ಹೆಸರು ಹೆಸರಾಗಿಯೇ ಉಳಿಯುತ್ತದೆ. ಹೀಗೆ ಎಷ್ಟೋ ಹೊತ್ತು ಯೋಚಿಸಿದೆ, ನಾಚಿಕೆ ಇಲ್ಲದೆ. ಆದರೆ ಇಥಿಯೋಪಿಯಾದ ಒಬ್ಬ ಹೆಂಗಸು ಕಣ್ಣ ಮುಂದಿನಿಂದ ಕದಲಲಿಲ್ಲ. ಕುಳ್ಳು ತಟ್ಟುತ್ತಿದ್ದವಳು, ಸಗಣಿಗೈಯನ್ನು ಮೇಲೆತ್ತಿಕೊಂಡೇ, ನೆಲ ನಿಜಕ್ಕೂ ತಡೆಯುತ್ತದೆಯೇ ಎಂದು ದುಭಾಷಿಯಿಂದ ಕೇಳಿಸಿದ್ದಳು. ತಡೆಯುತ್ತದೆ ಎಂದಿದ್ದೆ. ನನ್ನ ಮಾತು ನಂಬಿ ಅವಳ ಹೊಲ ಈಗ ಎಷ್ಟು ಸೊರಗಿದೆಯೋ. ಅಲ್ಲಿ ಯಾವ ಫಕೀರವ್ವ ಕುರಿ ನಿಲ್ಲಿಸಬೇಕು?

ಆ ಯೋಜನೆಯವರಿಗೆ ಬರೆದೆ. ಬರಿ ಪಟ್ಟಿಗೆ ಕುರಿಗೊಬ್ಬರ ಬಿದ್ದಿದೆ, ನನ್ನ ತೀರ್ಮಾನ ತಪ್ಪು, ಒಲೆಗೆ ಬೇರೆ ದಾರಿ ಹುಡುಕಿ ಸಗಣಿಯನ್ನು ಹೊಲಕ್ಕೇ ಹಾಕಿಸಿರಿ, ಈಗಿಂದೀಗಲೇ. ಫಕೀರವ್ವನ ಹೆಸರು ಬರೆಯಲಿಲ್ಲ. ತಲುಪಿದೆ ಎಂದು ಒಂದು ಸಾಲಿನ ಉತ್ತರ ಬಂತು. ಯಾರೂ ಫೋನ್ ಮಾಡಲಿಲ್ಲ. ಯಾರಿಗಾದರೂ ಹೇಳಿಕೊಂಡು ಅಳಬೇಕೆನಿಸಿ ನಾನೇ ಫೋನ್ ಹಿಡಿದೆ, ಹೆಸರುಗಳನ್ನು ಮೇಲಿಂದ ಕೆಳಗೆ ಸರಿಸಿದೆ. ಎಲ್ಲವೂ ಕೆಲಸದ ಹೆಸರುಗಳೇ. ಅಳು ಹಾಗೇ ಇಂಗಿಹೋಯಿತು.

ಕೆಲವು ದಿನ ಬಿಟ್ಟು ಪಟ್ಟಿಗಳ ಗುರುತಿಗೆ ನೆಟ್ಟ ಗೂಟಗಳನ್ನು ಕೀಳಲು ಹೊಲಕ್ಕೆ ಹೋದೆ. ಮಧ್ಯಾಹ್ನದ ಹೊತ್ತಿಗೆ ಫಕೀರವ್ವ ಬಂದು ದೂರವೇ ನಿಂತಳು.

"ಬಾಯಾರ, ನನ್ನಿಂದ ಭಾಳ ಹಾನಿ ಆತೇನ್ರಿ?"

"ಭಾಳ ಆತು" ಎಂದೆ. ಅವಳಿಗೆ ಸುಳ್ಳು ಹೇಳುವ ಮನಸ್ಸಾಗಲಿಲ್ಲ. "ಇನ್ನ ಈ ಹೊಲಕ್ಕ ಬೇಕಾದಷ್ಟ ಕುರಿ ನಿಲ್ಲಸು. ಪ್ರಯೋಗ ಮುಗೀತು."

ಅವಳು ಸೆರಗಿನಿಂದ ಮುಖ ಒರೆಸಿಕೊಂಡಳು. ದಿನದ ರೂಢಿಯಂತೆ ಕೇಳಿದಳು. "ಊಟ ಆತೇನ್ರಿ?"

"ಇಲ್ಲ" ಎಂದೆ. "ಹಸಿವ್ಯಾಗೇದ."

ಫಕೀರವ್ವ ಬಾಯಿ ತೆರೆದು ನಿಂತುಬಿಟ್ಟಳು. ಇಷ್ಟು ವರ್ಷದಲ್ಲಿ ಈ ಉತ್ತರಕ್ಕೆ ಅವಳು ತಯಾರಾಗಿಯೇ ಇರಲಿಲ್ಲ. ಕಂಕುಳಲ್ಲಿದ್ದ ಬುತ್ತಿಬಟ್ಟೆ ತೆಗೆದು ಕೊಡವಿದಳು, ಖಾಲಿ.

"ಅಯ್ಯ ನಮ್ಮವ್ವ! ನೀವು ಎಲ್ಲಿ ಉಣ್ತೀರಿ ಅಂತ ಈಗರ ನಾನ ಉಂಡ ಬಂದ್ನಲ್ರೀ! ಇಲ್ಲೇ ಕುಂದರ್ರಿ. ಎದ್ದ ಹೋದ್ರ ನನ್ನಾಣಿ. ಎರಡ ರೊಟ್ಟಿ ಬಡಕೊಂಡ ಬಂದಬಿಡ್ತೀನಿ."

ಕುರಿಗಳನ್ನು ನನ್ನ ಮೇಲೆ ಬಿಟ್ಟು ಊರ ಕಡೆ ಓಡುನಡಿಗೆಯಲ್ಲಿ ಹೋದಳು. ನಾನು ಬೇವಿನ ಗಿಡದ ಕೆಳಗೆ ಕೂತೆ. ಹೊಟ್ಟೆ ಚುರುಗುಟ್ಟುತ್ತಿತ್ತು. ಚೀಲದಲ್ಲಿ ಬಿಸ್ಕಿಟ್ ಇತ್ತು. ಅದನ್ನು ಮುಟ್ಟದೆ, ಅವಳು ಹೋದ ದಾರಿಯನ್ನೇ ನೋಡುತ್ತ ಕೂತಿದ್ದೆ.